ಬಾಕ್ಸ್‌ವುಡ್ ಬೇಲಿ ಒಳಗಿಂದ ಬೋಳಾಗ್ತಿದೆ. ಹುಳುವೋ, ಫಂಗಸ್ಸೋ?

ಇಟೋಬಿಕೋಕ್_ಮನೆ
ಕೆನಡಾದ ಟೊರೊಂಟೊ ನಗರದ ಇಟೋಬಿಕೋಕ್‌ನಲ್ಲಿದ್ದೇವೆ. ಮನೆ ಮುಂದಿನ ಬಾಕ್ಸ್‌ವುಡ್ (ಬೇಲಿಗೆ ಬೆಳೆಸುವ ನಿತ್ಯಹಸಿರು ಪೊದೆ) ಬೇಲಿ ಹಿಂದಿನ ಮಾಲೀಕರು ನೆಟ್ಟಿದ್ದು, ಸೊಂಟದೆತ್ತರ ಇದೆ. ಹೊರಗಿಂದ ನೋಡಿದರೆ ಹಸಿರೇ. ಕೊಂಬೆ ಸರಿಸಿದರೆ ಒಳಗೆ ಬರೀ ಕಡ್ಡಿ. ಎಲೆಯಲ್ಲಿ ನಡುವಿನ ನರ ಮಾತ್ರ ಉಳಿದಿದೆ. ಜೇಡನ ಬಲೆಯಂಥ ನೂಲು, ಅದರ ತುಂಬ ಹಸಿರು ಕಾಳು ಕಾಳು ಪುಡಿ. ಜುಲೈ ಶುರುವಿನಲ್ಲಿ ಜಗಲಿ ದೀಪಕ್ಕೆ ಬಿಳಿ ಪತಂಗಗಳು ಬರುತ್ತಿದ್ದವು, ರೆಕ್ಕೆಗೆ ಕಂದು ಅಂಚು. ಪಕ್ಕದ ಮನೆಯವರು ಇದು ಫಂಗಸ್, ಕಿತ್ತು ಹಾಕಿ ಅಂತಾರೆ. ಅಮ್ಮ ವಿಡಿಯೋ ಕಾಲ್‌ನಲ್ಲಿ ನೋಡಿ ಬೂದಿ ಎರಚು ಅಂದರು. ಯಾರ ಮಾತು ಕೇಳಲಿ?

ಹಾಸನದ_ಮಾಲಿ
ಇಬ್ಬರದೂ ಬೇಡ ಮೇಡಂ. ನಾನು ಮಿಸಿಸಾಗದಲ್ಲಿ ತೋಟದ ಕೆಲಸ ಮಾಡುವವನು. ನೀವು ಹೇಳಿದ್ದು ನೋಡಿದರೆ ಬಾಕ್ಸ್ ಟ್ರೀ ಮಾತ್, ಅಂದರೆ ಮರಿಹುಳ ಬಾಕ್ಸ್‌ವುಡ್ ಎಲೆ ತಿನ್ನುವ ಪತಂಗ. ಫಂಗಸ್ ಆದರೆ ಎಲೆಗೆ ಕಂದು ಚುಕ್ಕೆ, ಎಳೆ ಕಡ್ಡಿಗೆ ಕಪ್ಪು ಗೀರು ಬಂದು ಎಲೆ ಇಡಿಯಾಗಿ ಉದುರುತ್ತದೆ. ನೂಲು, ಹಿಕ್ಕೆ ಇರುವುದಿಲ್ಲ. ಆ ಪುಡಿ ಹುಳದ ಹಿಕ್ಕೆಯೇ.

ಟಾರ್ಚ್ ಹಿಡಿದು ಬೇಲಿಯೊಳಗೆ ಹುಡುಕಿ. ಹಳದಿ ಹಸಿರು ಮೈ, ಕಪ್ಪು ತಲೆ, ಬೆನ್ನುದ್ದಕ್ಕೂ ಕಪ್ಪು ಪಟ್ಟೆ. ಬಲಿತದ್ದು 4 ಸೆಂ.ಮೀ. ತನಕ ಇರುತ್ತದೆ. ಮುಟ್ಟಿದರೆ ಸರಕ್ಕನೆ ನೂಲಿನೊಳಗೆ ಜಾರುತ್ತದೆ. ಮೊಟ್ಟೆ ಎಲೆ ಹಿಂದೆ, ಒಂದರ ಮೇಲೊಂದು ಹೆಂಚು ಹೊದಿಸಿದ ಹಾಗೆ, ತೆಳು ಹಳದಿ.

ಇದು ಪೂರ್ವ ಏಷ್ಯಾದ ಹುಳು. 2007ರಲ್ಲಿ ಜರ್ಮನಿಯಲ್ಲಿ ಕಂಡಿತು, 2018ರಲ್ಲಿ ನಮ್ಮ ಟೊರೊಂಟೊದಲ್ಲಿ. ಇದರ ಕಾಟಕ್ಕೇ 2021ರಲ್ಲಿ ಅಮೆರಿಕ ಕೆನಡಾದಿಂದ ಬಾಕ್ಸ್‌ವುಡ್ ತರಿಸುವುದನ್ನು ನಿಲ್ಲಿಸಿತು.

ಮೊದಲು ಕೈಗವಸು ಹಾಕಿಕೊಂಡು ಹುಳ ಆರಿಸಿ ಸೋಪು ನೀರಿಗೆ ಹಾಕಿ. ನೂಲು ಕಟ್ಟಿದ ತುದಿಗಳನ್ನು ಕತ್ತರಿಸಿ ಚೀಲಕ್ಕೆ ತುಂಬಿ ಬಿಗಿಯಾಗಿ ಕಟ್ಟಿ. ಕಾಂಪೋಸ್ಟ್‌ಗೆ ಬೇಡ. ಆಮೇಲೆ ಬಿಟಿಕೆ ಹೊಡೆಯಿರಿ, ಅಂದರೆ ಬ್ಯಾಕ್ಟೀರಿಯಾದಿಂದ ಮಾಡಿದ ಹುಳದ ಔಷಧಿ. ಊರಲ್ಲಿ ಎಲೆಕೋಸಿನ ಹುಳಕ್ಕೆ ಹೊಡೆಯುವ ಬಿಟಿ ಇದೆಯಲ್ಲ, ಅದೇ. ಒಂಟಾರಿಯೊದಲ್ಲಿ ಅಂದಕ್ಕೆ ಬೆಳೆಸುವ ಗಿಡಗಳಿಗೆ ರಾಸಾಯನಿಕ ಕೀಟನಾಶಕ ಹೊಡೆಯುವುದಕ್ಕೆ 2009ರಿಂದ ತಡೆ ಇದೆ, ಬಿಟಿಕೆಗೆ ಅಡ್ಡಿಯಿಲ್ಲ. ಹುಳ ಎಲೆ ಜೊತೆ ತಿಂದರೆ ಮಾತ್ರ ಕೆಲಸ. ಅದಕ್ಕೇ ಸುಮ್ನೆ ಮೇಲೆ ಮೇಲೆ ಹೊಡೆದರೆ ದಂಡ. ಕೊಂಬೆ ಬಿಡಿಸಿ ಒಳಗೆಲ್ಲ ಎಲೆ ತೊಟ್ಟಿಕ್ಕಬೇಕು. ಬಿಸಿಲಿಗೆ ಇದರ ಶಕ್ತಿ ಹೋಗುತ್ತದೆ, ಸಂಜೆ ಹೊಡೆಯಿರಿ, ಮಳೆ ಇಲ್ಲದ ದಿನ ನೋಡಿ. ಎಳೆ ಹುಳಕ್ಕೆ ಚೆನ್ನಾಗಿ ಹಿಡಿಯುತ್ತದೆ, ಬಲಿತದ್ದಕ್ಕೆ ಅಷ್ಟಕ್ಕಷ್ಟೆ.

ಈಗ ಒಂದು ಸಲ, ಸೆಪ್ಟೆಂಬರ್‌ನಲ್ಲಿ ಇನ್ನೊಂದು, ಮುಂದಿನ ಮೇ ತಿಂಗಳಲ್ಲಿ ಮತ್ತೊಂದು. ಸೆಪ್ಟೆಂಬರ್‌ನದು ಜನ ಬಿಟ್ಟುಬಿಡುತ್ತಾರೆ. ಆಗಿನ ಮರಿಹುಳಗಳೇ ಎರಡು ಎಲೆ ಹೊಲಿದುಕೊಂಡು ಒಳಗೆ ಚಳಿಗಾಲ ಕಳೆಯುವುದು.

ಕ್ರಾಯ್ಡನ್_ಕನ್ನಡತಿ
ಲಂಡನ್ ಕಡೆ ಇದು ಈಗ ಮನೆಮನೆಯ ಗೋಳು. ಫೆರೊಮೋನ್ ಟ್ರ್ಯಾಪ್ (ಹೆಣ್ಣು ಪತಂಗದ ವಾಸನೆ ಇಟ್ಟ ಬೋನು) ಹಾಕಿ ಅಂತ ಯಾರಾದರೂ ಹೇಳಿದರೆ ಅದೊಂದೇ ನೆಚ್ಚಿಕೊಳ್ಳಬೇಡಿ. ಬೀಳುವುದು ಗಂಡು ಪತಂಗ ಮಾತ್ರ. ಯಾವಾಗ ಹಾರಾಟ ಶುರುವಾಯಿತು ಅಂತ ತಿಳಿಯಲು ಒಳ್ಳೆಯದು. ನಾನಂತೂ ಸಾಕಾಗಿ ಅರ್ಧ ಬೇಲಿ ಕಿತ್ತು ಯೂ (yew) ಅನ್ನೋ ಇನ್ನೊಂದು ನಿತ್ಯಹಸಿರು ಗಿಡ ಹಾಕಿದೆ. ಆದರೆ ಅದು ವಿಷದ ಗಿಡ, ಮಕ್ಕಳಿದ್ದರೆ ಯೋಚಿಸಿ.

ಇಟೋಬಿಕೋಕ್_ಮನೆ
ಹುಳ ಸಿಕ್ತು ಸರ್! ಪಟ್ಟೆ, ಕಪ್ಪು ತಲೆ, ಎಲ್ಲ ಹಾಗೇ. ಬಿಟಿಕೆಯಿಂದ ಜೇನ್ನೊಣಕ್ಕೆ ತೊಂದರೆ ಇಲ್ವಾ? ಬೋಳಾದ ಕಡ್ಡಿ ಮತ್ತೆ ಚಿಗುರುತ್ತಾ?

ಹಾಸನದ_ಮಾಲಿ
ಜೇನಿಗೆ ತೊಂದರೆ ಇಲ್ಲ. ಆದರೆ ಚಿಟ್ಟೆಗಳ ಮರಿಹುಳಕ್ಕೂ ಇದು ವಿಷವೇ. ಪಕ್ಕದಲ್ಲಿ ಮೊನಾರ್ಕ್ ಚಿಟ್ಟೆಗೆಂದು ಹಾಲುಗಿಡ ಬೆಳೆಸಿದ್ದರೆ ಅದರ ಮೇಲೆ ಬೀಳದ ಹಾಗೆ ನೋಡಿಕೊಳ್ಳಿ.

ಚಿಗುರಿನ ವಿಷಯ ಬೇಕಿದ್ದರೆ ಕಡ್ಡಿಯನ್ನು ಉಗುರಲ್ಲಿ ಕೆರೆದು ನೋಡಿ. ಒಳಗೆ ಹಸಿರಿದ್ದರೆ ಬರುತ್ತದೆ. ಎಲೆ ಮುಗಿದ ಮೇಲೆ ಹುಳ ತೊಗಟೆಗೂ ಬಾಯಿ ಹಾಕುತ್ತದೆ. ತೊಗಟೆ ಸುತ್ತಲೂ ಹೋಗಿದ್ದರೆ ಅಲ್ಲಿಂದ ಮೇಲಿನದು ಬರಲ್ಲ, ಕತ್ತರಿಸಿ. ಫೋಟೋ ಹಾಕಿ, ಎಲ್ಲಿಗೆ ಕತ್ತರಿಸಬೇಕು ಅಂತ ಹೇಳ್ತೀನಿ.