‘ಸ್ಯಾಪರ್’ ಅಂದರೆ ಹುದ್ದೆಯೋ, ಕಸುಬೋ, ದಳದ ಹೆಸರೋ? ಕನ್ನಡದಲ್ಲಿ ಹೇಗೆ ಬರೆಯುವುದು?

ಕಡಲತಡಿ:

ಕಾರವಾರ ತಾಲ್ಲೂಕಿನ ಚೆಂಡಿಯಾದಲ್ಲಿ ಹುಟ್ಟಿದ, ಪರಮವೀರ ಚಕ್ರ ಪಡೆದ ರಾಮ ರಾಘೋಬ ರಾಣೆಯವರ ಕುರಿತ ಒಂದು ಇಂಗ್ಲಿಷ್ ಬರಹವನ್ನು ಹೈಸ್ಕೂಲ್ ಮಕ್ಕಳು ಓದುವಂತೆ ಕನ್ನಡಕ್ಕೆ ತರುತ್ತಿದ್ದೇನೆ. ‘ಸ್ಯಾಪರ್’ ಅನ್ನುವ ಪದ ಹೆಜ್ಜೆಹೆಜ್ಜೆಗೂ ಬರುತ್ತದೆ, ಆದರೆ ಒಂದೊಂದು ಕಡೆ ಒಂದೊಂದು ಅರ್ಥ ಕೊಟ್ಟ ಹಾಗಿದೆ.

ಒಂದು ಕಡೆ ರಾಣೆಯವರನ್ನೇ ‘ಬಾಂಬೆ ಸ್ಯಾಪರ್’ ಅಂದಿದ್ದಾರೆ, ಮುಂದಿನ ಸಾಲಿನಲ್ಲೇ ‘ಸೆಕೆಂಡ್ ಲೆಫ್ಟಿನೆಂಟ್’ ಅಂತಿದೆ. ಗಾಯಗೊಂಡವರ ಪಟ್ಟಿಯಲ್ಲಿ ಹೆಸರುಗಳ ಹಿಂದೆ ‘ಎಸ್‌ಪಿಆರ್’ ಅಂತ ಮೂರಕ್ಷರ ಇದೆ. ಹಿನ್ನೆಲೆ ಹೇಳುವಾಗ ‘ಸ್ಯಾಪರ್ಸ್ ಅಂಡ್ ಮೈನರ್ಸ್’ ಬರುತ್ತದೆ. ಕೊನೆಗೆ ಶತ್ರುವಿನ ಸ್ಥೈರ್ಯವನ್ನು ‘ಸ್ಯಾಪ್’ ಮಾಡಿತು ಅಂತ ಕ್ರಿಯಾಪದವೂ ಇದೆ. ನಿಘಂಟಿನಲ್ಲಿ ‘ಸ್ಯಾಪ್’ ಅಂದರೆ ಗಿಡದ ರಸ, ‘ಮೈನರ್’ ಅಂದರೆ ಗಣಿ ಕಾರ್ಮಿಕ. ಇವಕ್ಕೆಲ್ಲ ಒಂದೇ ಕನ್ನಡ ಪದ ಸಾಕಾಗುತ್ತದೆಯೇ? ‘ಸೇನಾ ಇಂಜಿನಿಯರ್’ ಅಂತ ಬರೆದರೆ ತಪ್ಪೇ?

---

ದರ್ಜೆಪಟ್ಟಿ:

ಒಂದೇ ಪದ ಸಾಕಾಗುವುದಿಲ್ಲ. ಪದ ಯಾವುದಕ್ಕೆ ಅಂಟಿಕೊಂಡಿದೆ ಅಂತ ಮೊದಲು ನೋಡಿ.

ಒಬ್ಬ ವ್ಯಕ್ತಿಯ ಹೆಸರಿನ ಹಿಂದೆ ಬಂದರೆ ಅದು ದರ್ಜೆ. ಎಸ್‌ಪಿಆರ್ ಅದರದೇ ಮೊಟಕು ರೂಪ. ನಮ್ಮ ಸೇನೆಯಲ್ಲಿ ತಳದ ದರ್ಜೆಯ ಜವಾನನಿಗೆ ಎಲ್ಲ ಕಡೆ ‘ಸಿಪಾಯಿ’ ಅನ್ನುವುದಿಲ್ಲ. ಕಾಲಾಳು ಪಡೆಯ ಬಹುಪಾಲು ರೆಜಿಮೆಂಟ್‌ಗಳಲ್ಲಿ ಸಿಪಾಯಿ, ರೈಫಲ್ಸ್ ಹೆಸರಿನವುಗಳಲ್ಲಿ ರೈಫಲ್‌ಮನ್, ಟ್ಯಾಂಕ್ ಪಡೆಯಲ್ಲಿ ಸವಾರ್, ಫಿರಂಗಿ ದಳದಲ್ಲಿ ಗನ್ನರ್, ಸಿಗ್ನಲ್ಸ್‌ನಲ್ಲಿ ಸಿಗ್ನಲ್‌ಮನ್, ವಾಹನ ಮತ್ತು ಆಯುಧ ರಿಪೇರಿಯ ಇಎಂಇಯಲ್ಲಿ ಕ್ರಾಫ್ಟ್ಸ್‌ಮನ್. ಇಂಜಿನಿಯರ್ ದಳದಲ್ಲಿ ಸ್ಯಾಪರ್. ಬಡ್ತಿ ಸಿಕ್ಕ ಕೂಡಲೇ ಹೆಸರಿನ ಹಿಂದಿನ ಸ್ಯಾಪರ್ ಹೋಗಿ ಲ್ಯಾನ್ಸ್ ನಾಯಕ್, ಆಮೇಲೆ ನಾಯಕ್, ಹವಾಲ್ದಾರ್ ಬರುತ್ತದೆ. ಹಾಗಾಗಿ ‘ಸ್ಯಾಪರ್ ಹವಾಲ್ದಾರ್ ಇಂಥವರು’ ಅಂತ ಬರೆದರೆ ಎರಡು ದರ್ಜೆ ಒಟ್ಟಿಗೆ ಕೊಟ್ಟಂತಾಗುತ್ತದೆ.

ದಳದ ಹೆಸರಾಗಿ ಬಂದಾಗ ಲೆಕ್ಕ ಬೇರೆ. ಇಂಜಿನಿಯರ್ ದಳಕ್ಕೆ ಸೇರಿದವರೆಲ್ಲ, ಜವಾನನಿಂದ ಜನರಲ್‌ವರೆಗೆ, ತಮ್ಮನ್ನು ಸ್ಯಾಪರ್ ಅಂತಲೇ ಕರೆದುಕೊಳ್ಳುತ್ತಾರೆ. ಈ ದಳದಲ್ಲಿ ಮೂರು ಗುಂಪು: ಬೆಂಗಳೂರಿನ ಹಲಸೂರು ಕೆರೆಯ ಬಳಿ ಕೇಂದ್ರ ಇರುವ ಮದ್ರಾಸ್ ಇಂಜಿನಿಯರ್ ಗ್ರೂಪ್ (ನಮ್ಮವರ ಬಾಯಲ್ಲಿ ಎಂಇಜಿ), ರೂರ್ಕಿಯ ಬಂಗಾಳ ಗುಂಪು, ಪುಣೆ ಪಕ್ಕದ ಖಡ್ಕಿಯ ಬಾಂಬೆ ಗುಂಪು. ರಾಣೆಯವರು ಮೂರನೆಯದಕ್ಕೆ ಸೇರಿದವರು. 1940ರಲ್ಲಿ ಜವಾನರಾಗಿ ಸೇರಿ, 1947ರ ಡಿಸೆಂಬರ್‌ನಲ್ಲಿ ಅಧಿಕಾರಿಯಾದವರು. ಆದ್ದರಿಂದ 1948ರ ಏಪ್ರಿಲ್‌ನಲ್ಲಿ ರಾಜೌರಿ ರಸ್ತೆಯ ನೆಲಬಾಂಬ್ ತೆರವು ಮಾಡಿದ ಘಟನೆಯಲ್ಲಿ ಅವರ ದರ್ಜೆ ಸೆಕೆಂಡ್ ಲೆಫ್ಟಿನೆಂಟ್, ಬಳಗ ಬಾಂಬೆ ಸ್ಯಾಪರ್ಸ್. ಎರಡೂ ಸರಿ. ‘ಬಾಂಬೆ ಸ್ಯಾಪರ್ಸ್‌ನ ಸೆಕೆಂಡ್ ಲೆಫ್ಟಿನೆಂಟ್ ರಾಣೆ’ ಅಂತ ಬರೆದುಬಿಡಿ, ಗೊಂದಲ ಅಲ್ಲೇ ಬಗೆಹರಿಯುತ್ತದೆ. ಪಟ್ಟಿಯಲ್ಲಿರುವವರಿಗೆ ಮಾತ್ರ ಹೆಸರಿನ ಹಿಂದೆ ‘ಸ್ಯಾಪರ್’ ಇರಲಿ, ಮೊದಲ ಸಲ ಬಂದಾಗ ‘ಸಿಪಾಯಿಗೆ ಸಮನಾದ ದರ್ಜೆ’ ಅಂತ ಒಂದು ಮಾತು ಸೇರಿಸಿ.

‘ಸೇನಾ ಇಂಜಿನಿಯರ್’ ಬೇಡ. ಓದುಗರ ತಲೆಗೆ ಬರುವುದು ಬಿ.ಇ. ಪದವಿ. ಸ್ಯಾಪರ್ ದರ್ಜೆಯವನಿಗೆ ಆ ಪದವಿ ಬೇಕಿಲ್ಲ. ಸೇತುವೆ ಹಾಕುವುದು, ಸ್ಫೋಟಕ ಬಳಸುವುದು, ನೆಲಬಾಂಬ್ ಹೂಳುವುದು ಮತ್ತು ತೆಗೆಯುವುದು ಅವನ ಯುದ್ಧದ ಕೆಲಸ. ಅದರ ಜೊತೆಗೆ ಬಡಗಿ, ಗಾರೆ, ಪ್ಲಂಬಿಂಗ್, ಮಣ್ಣು ಅಗೆಯುವ ಯಂತ್ರದ ಚಾಲನೆ ಹೀಗೆ ಒಂದು ಕಸುಬು ಇರುತ್ತದೆ.

ಇನ್ನೊಂದು ಸಾಮಾನ್ಯ ಎಡವಟ್ಟು: ಎಂಇಜಿ, ಎಂಇಎಸ್, ಬಿಆರ್‌ಒ ಮೂರನ್ನೂ ಒಂದೇ ಅಂದುಕೊಳ್ಳುವುದು. ಎಂಇಎಸ್ ದಂಡುಪ್ರದೇಶಗಳ ಕಟ್ಟಡ, ನೀರು, ವಿದ್ಯುತ್ತು ನೋಡಿಕೊಳ್ಳುವ ಸಂಸ್ಥೆ. ಅಲ್ಲಿ ನಾಗರಿಕ ನೌಕರರು ಬಹಳ. ಬಿಆರ್‌ಒ ಗಡಿ ರಸ್ತೆಗಳದ್ದು, ಶುರುವಾದದ್ದೇ 1960ರಲ್ಲಿ. ಸ್ಯಾಪರ್ ಅಧಿಕಾರಿಗಳು ಎರಡರಲ್ಲೂ ಕೆಲಸ ಮಾಡುತ್ತಾರೆ, ಆದರೆ ಅಲ್ಲಿರುವ ಎಲ್ಲರೂ ಸ್ಯಾಪರ್‌ಗಳಲ್ಲ. ರಾಣೆಯವರ ಬಗ್ಗೆ ಬರೆಯುವಾಗ ‘ಗಡಿ ರಸ್ತೆ ಸಂಸ್ಥೆಯಲ್ಲಿದ್ದಾಗ’ ಅಂತ ಯಾರಾದರೂ ಸೇರಿಸಿದ್ದರೆ ಹೊಡೆದುಹಾಕಿ. 1948ರಲ್ಲಿ ಆ ಸಂಸ್ಥೆಯೇ ಇರಲಿಲ್ಲ.

---

ಹಳೇಕೊತ್ತಲ:

ದರ್ಜೆಪಟ್ಟಿಯವರು ಇವತ್ತಿನ ಬಳಕೆ ಹೇಳಿದ್ದಾರೆ, ‘ಸ್ಯಾಪರ್ಸ್ ಅಂಡ್ ಮೈನರ್ಸ್’ ಕಡೆಗೆ ಬರುತ್ತೇನೆ. ಇದಕ್ಕೆ ಕೋಟೆ ಮುತ್ತಿಗೆಯ ಹಿನ್ನೆಲೆ ಬೇಕು.

ಇಟಾಲಿಯನ್‌ನಲ್ಲಿ ‘ಜಪ್ಪಾ’ ಅಂದರೆ ಗುದ್ದಲಿ. ಅಲ್ಲಿಂದ ಫ್ರೆಂಚಿನ ‘ಸಾಪ್’, ಅದರಿಂದ ಇಂಗ್ಲಿಷಿನ ‘ಸ್ಯಾಪ್’. ಕೋಟೆಯ ಕಡೆಗೆ ತೋಡಿಕೊಂಡು ಹೋಗುವ ಅಗಳಿಗೆ ಆ ಹೆಸರು. ಗಿಡದ ರಸ ಅನ್ನುವ ‘ಸ್ಯಾಪ್’ ಹಳೆಯ ಇಂಗ್ಲಿಷಿನದು, ಇದಕ್ಕೂ ಅದಕ್ಕೂ ಬೇರಿನ ಸಂಬಂಧ ಇಲ್ಲ. ಹಾಗಾಗಿ ನಿಮ್ಮ ಕ್ರಿಯಾಪದಕ್ಕೆ ‘ಸ್ಥೈರ್ಯವನ್ನು ಹೀರಿತು’ ಅನ್ನುವುದಕ್ಕಿಂತ ‘ಸ್ಥೈರ್ಯದ ಬುಡ ಅಲುಗಾಡಿಸಿತು’ ಅನ್ನುವುದು ಮೂಲಕ್ಕೆ ಹತ್ತಿರ. ಗೋಡೆಯ ಬುಡ ತೋಡುವ ಚಿತ್ರವೇ ಆ ಪದದೊಳಗೆ ಇರುವುದು.

ಕೆಲಸ ನಡೆಯುತ್ತಿದ್ದ ರೀತಿ ತಿಳಿದರೆ ಅನುವಾದ ಸುಲಭ. ಫ್ರಾನ್ಸಿನ ಮುತ್ತಿಗೆ ತಜ್ಞ ವೋಬಾನ್ 1673ರ ಮಾಸ್ಟ್ರಿಕ್ಟ್ ಮುತ್ತಿಗೆಯಲ್ಲಿ ಇದಕ್ಕೊಂದು ಕ್ರಮ ಕೊಟ್ಟ. ಕೋಟೆಯಿಂದ ಸುಮಾರು 600 ಮೀಟರ್ ದೂರದಲ್ಲಿ, ಗೋಡೆಗೆ ಸಮಾನಾಂತರವಾಗಿ ಒಂದು ಉದ್ದನೆಯ ಅಗಳು. ಅಲ್ಲಿಂದ ಮುಂದಕ್ಕೆ ಸೊಟ್ಟಂಬಟ್ಟ ದಾರಿ. ನೇರ ತೋಡಿದರೆ ಕೋಟೆಯ ಮೇಲಿನ ಒಂದೇ ಫಿರಂಗಿ ಅಗಳಿನ ಉದ್ದಕ್ಕೂ ಗುಂಡು ಹಾಯಿಸಿ ಒಳಗಿದ್ದವರನ್ನೆಲ್ಲ ಮುಗಿಸುತ್ತದೆ. ಓರೆಯಾಗಿ ತಿರುಗಿಸುತ್ತ ಹೋಗುವುದು ಅದಕ್ಕೇ. ಅರ್ಧ ದೂರಕ್ಕೆ ಎರಡನೆಯ ಸಮಾನಾಂತರ ಅಗಳು, ಕಂದಕದ ಹತ್ತಿರ ಮೂರನೆಯದು.

ಮುಂಚೂಣಿಯಲ್ಲಿ ನಾಲ್ಕು ಜನ ಸಾಲಾಗಿ. ಮೊದಲನೆಯವನು ಕಡ್ಡಿಕಟ್ಟು ತುಂಬಿದ ದೊಡ್ಡ ಹೆಣಿಗೆಬುಟ್ಟಿಯ ಉರುಳೆಯನ್ನು ಮುಂದೆ ತಳ್ಳುತ್ತ, ಅದರ ಮರೆಯಲ್ಲಿ ಒಂದೂವರೆ ಅಡಿ ಅಗಲ, ಒಂದೂವರೆ ಅಡಿ ಆಳ ತೋಡುತ್ತಾನೆ. ಹಿಂದಿನ ಪ್ರತಿಯೊಬ್ಬನೂ ಆರಾರು ಅಂಗುಲ ಹೆಚ್ಚಿಸುತ್ತ ಬಂದು ನಾಲ್ಕನೆಯವನ ಹೊತ್ತಿಗೆ ಮೂರಡಿ ಅಗಲ, ಮೂರಡಿ ಆಳ ಆಗುತ್ತದೆ. ತೆಗೆದ ಮಣ್ಣು ಕೋಟೆಯ ಕಡೆಯ ಅಂಚಿನಲ್ಲಿಟ್ಟ ಬುಟ್ಟಿಗಳಿಗೆ. ಉರುಳೆ ಜಾರಿದರೆ, ಬುಟ್ಟಿಗಳ ನಡುವೆ ಸಂದು ಉಳಿದರೆ, ಮೊದಲು ಬೀಳುವವನು ಮುಂದಿನವನೇ. ಅದಕ್ಕೇ ಸರದಿಯ ಮೇಲೆ ಜಾಗ ಬದಲಾಯಿಸುತ್ತಿದ್ದರು. ಆ ಮುಂದಿನವನೇ ಮೂಲ ಸ್ಯಾಪರ್.

ಮೈನರ್ ಕೆಲಸ ನೆಲದಡಿಯದು. ಗೋಡೆಯ ಕೆಳಗೆ ಸುರಂಗ ಕೊರೆದು, ಕೊನೆಯಲ್ಲಿ ಕೋಣೆ ಮಾಡಿ ಮದ್ದು ತುಂಬಿ ಹಾರಿಸುವವನು. ಗಣಿ ಕಾರ್ಮಿಕ ಖಂಡಿತ ಅಲ್ಲ. ಐತಿಹಾಸಿಕ ಸಂದರ್ಭಕ್ಕೆ ‘ಅಗಳು ತೋಡುವವರು ಮತ್ತು ಸುರಂಗ ಹೊಡೆಯುವವರು’ ಅಂದರೆ ಮಕ್ಕಳಿಗೂ ತಿಳಿಯುತ್ತದೆ. ಹಿಂದಿ ಪತ್ರಿಕೆಗಳು ಇವತ್ತಿಗೂ ನೆಲಬಾಂಬ್‌ಗೆ ‘ಬಾರೂದೀ ಸುರಂಗ್’ ಅನ್ನುತ್ತವೆ. ನೆಲದಡಿಯ ಮದ್ದಿನ ಕೋಣೆಯಿಂದ ನೆಲಬಾಂಬ್‌ವರೆಗೆ ‘ಮೈನ್’ ಪದ ನಡೆದ ದಾರಿ ಅದರಲ್ಲಿ ಕಾಣುತ್ತದೆ.

ಆದರೆ ಸುರಂಗವನ್ನು ಎಲ್ಲ ಕಡೆ ತುರುಕಬೇಡಿ. ಶ್ರೀರಂಗಪಟ್ಟಣದ 1799ರ ಮುತ್ತಿಗೆಯಲ್ಲಿ ವಾಯವ್ಯ ಮೂಲೆಯ ಗೋಡೆ ಒಡೆದದ್ದು ಫಿರಂಗಿಗಳಿಂದ. ಮೇ 4ರಂದು ಆ ಬಿರುಕಿನಲ್ಲೇ ಲಗ್ಗೆ ಹತ್ತಿದರು. ಅಂದಿನ ಮದ್ರಾಸ್ ಪಡೆಯಲ್ಲಿ ಈ ಕೆಲಸದವರ ಹೆಸರು ‘ಪಯೋನಿಯರ್’. 1780ರಲ್ಲಿ ಕಟ್ಟಿದ ಆ ಕಂಪನಿಗಳೇ 1831ರಲ್ಲಿ ‘ಮದ್ರಾಸ್ ಸ್ಯಾಪರ್ಸ್ ಅಂಡ್ ಮೈನರ್ಸ್’ ಆದದ್ದು. 1799ರ ಪ್ರಸಂಗದಲ್ಲಿ ‘ಮದ್ರಾಸ್ ಸ್ಯಾಪರ್ಸ್’ ಅಂತ ಬರೆದರೆ ಮೂವತ್ತೆರಡು ವರ್ಷ ಮುಂದಿನ ಹೆಸರನ್ನು ಹಿಂದಕ್ಕೆ ಒಯ್ದಂತೆ.

---

ಕರಡುತಿದ್ದು:

ಒಂದು ಎಚ್ಚರಿಕೆ ಸೇರಿಸುತ್ತೇನೆ. ದೇಶ ಬದಲಾದರೆ ಇದೇ ಪದದ ಹೊರೆಯೂ ಬದಲಾಗುತ್ತದೆ.

ಬ್ರಿಟನ್ನಿನ ರಾಯಲ್ ಇಂಜಿನಿಯರ್ಸ್‌ನಲ್ಲಿ ನಮ್ಮ ಹಾಗೆಯೇ ಅದು ತಳದ ದರ್ಜೆ. ಆದರೆ ಅವರ ಫೀಲ್ಡ್ ಸ್ಕ್ವಾಡ್ರನ್, ಟ್ರೂಪ್ ಇರುವ ಕಡೆ ನಮ್ಮಲ್ಲಿ ಫೀಲ್ಡ್ ಕಂಪನಿ, ಪ್ಲಟೂನ್. ಅಮೆರಿಕದಲ್ಲಿ ಅದು ದರ್ಜೆಯೇ ಅಲ್ಲ, ಅರ್ಹತೆ: ಮಿಸೌರಿಯ ಫೋರ್ಟ್ ಲೆನರ್ಡ್ ವುಡ್‌ನಲ್ಲಿ 28 ದಿನದ ತರಬೇತಿ ಮುಗಿಸಿದವರು ತೋಳಿನ ಮೇಲೆ ಸ್ಯಾಪರ್ ಪಟ್ಟಿ ಧರಿಸುತ್ತಾರೆ. ವಿಯೆಟ್ನಾಂ ಯುದ್ಧದ ಬರಹಗಳಲ್ಲಿ ‘ಸ್ಯಾಪರ್’ ಅಂದರೆ ರಾತ್ರಿ ಮುಳ್ಳುತಂತಿ ನುಸುಳಿ ಶಿಬಿರದೊಳಗೆ ಸ್ಫೋಟಕದ ಚೀಲ ಎಸೆಯುವ ಎದುರಾಳಿ ದಾಳಿಕೋರ. ಅಲ್ಲಿ ‘ಇಂಜಿನಿಯರ್ ದಳದವ’ ಅಂತ ಬರೆದರೆ ಅರ್ಥ ಪೂರ್ತಿ ತಲೆಕೆಳಗು. ಫ್ರಾನ್ಸಿನಲ್ಲಿ ‘ಸಪೋರ್ ಪೊಂಪಿಯೆ’ ಅಗ್ನಿಶಾಮಕ. ರಷ್ಯನ್‌ನಲ್ಲಿ ‘ಸಪ್ಯೋರ್’ ಅಂದರೆ ಜನರಿಗೆ ಮೊದಲು ನೆನಪಾಗುವುದು ನೆಲಬಾಂಬ್ ತೆಗೆಯುವವನು. ಕಂಪ್ಯೂಟರಿನ ಮೈನ್‌ಸ್ವೀಪರ್ ಆಟಕ್ಕೂ ಅಲ್ಲಿ ಅದೇ ಹೆಸರು.

ನಿಮ್ಮ ಬರಹದಲ್ಲಿ ‘ಬ್ಯಾಂಗಲೋರ್ ಟಾರ್ಪೆಡೊ’ ಬಂದರೆ ಅದನ್ನೂ ನೋಡಿಕೊಳ್ಳಿ. ಇದು ನೀರಿನೊಳಗಿನ ಟಾರ್ಪೆಡೊ ಅಲ್ಲ. 1912ರಲ್ಲಿ ಬೆಂಗಳೂರಿನಲ್ಲಿ ಮದ್ರಾಸ್ ಸ್ಯಾಪರ್ಸ್‌ನ ಕ್ಯಾಪ್ಟನ್ ಮ್ಯಾಕ್‌ಕ್ಲಿಂಟಾಕ್ ರೂಪಿಸಿದ, ಸ್ಫೋಟಕ ತುಂಬಿದ ಉದ್ದನೆಯ ಕೊಳವೆ. ಸುಮಾರು ಐದಡಿಯ ತುಂಡುಗಳನ್ನು ಒಂದಕ್ಕೊಂದು ಜೋಡಿಸುತ್ತ, ಮರೆಯಲ್ಲಿ ಕೂತೇ ಮುಳ್ಳುತಂತಿಯ ಅಡಿಗೆ ತಳ್ಳುತ್ತಾರೆ. ಮುಂದಿನ ತುದಿಗೆ ಬೋಳು ಮೂತಿ ಹಾಕುವುದು ತಂತಿಗೆ ಸಿಕ್ಕಿಕೊಳ್ಳದಿರಲಿ ಅಂತ. ಅಮೆರಿಕದವರು ಬರೀ ‘ಬ್ಯಾಂಗಲೋರ್’ ಅನ್ನುತ್ತಾರೆ. ಯಂತ್ರಾನುವಾದಕ್ಕೆ ಕೊಟ್ಟರೆ ಸೈನಿಕರು ‘ಬೆಂಗಳೂರನ್ನು ತಂತಿಯಡಿಗೆ ತಳ್ಳಿದರು’ ಅಂತ ಬಂದೀತು! ‘ಬೆಂಗಳೂರು ಟಾರ್ಪೆಡೊ ಎಂಬ ಸ್ಫೋಟಕ ಕೊಳವೆ’ ಅಂತ ಒಮ್ಮೆ ಬಿಡಿಸಿ ಬರೆದರೆ ಸಾಕು.

ಒಂದು ವಿಷಯದಲ್ಲಿ ಹಳೇಕೊತ್ತಲರ ಜೊತೆ ನನ್ನ ತಕರಾರಿದೆ. ‘ಅಗಳು ತೋಡುವವರು’ ವಿವರಣೆಯಾಗಿ ಚೆನ್ನ, ಹೆಸರಾಗಿ ಬೇಡ. ‘ಸ್ಯಾಪರ್ಸ್ ಅಂಡ್ ಮೈನರ್ಸ್’ ಒಂದು ದಳದ ಅಂಕಿತನಾಮ. ಅದನ್ನು ಹಾಗೇ ಇಟ್ಟು ಪಕ್ಕದಲ್ಲಿ ವಿವರಣೆ ಕೊಡಿ. ಇಲ್ಲವಾದರೆ ಮುಂದೆ ಮಗು ಆ ಹೆಸರನ್ನು ಇನ್ನೊಂದು ಪುಸ್ತಕದಲ್ಲಿ ಹುಡುಕಿದರೆ ಸಿಗುವುದಿಲ್ಲ.

---

ಹಳೇಕೊತ್ತಲ:

ಒಪ್ಪಿದೆ, ಹೆಸರು ಹಾಗೇ ಇರಲಿ. ಹೆಸರಿಲ್ಲದ ಕಡೆ, ಅಂದರೆ ‘ಕೋಟೆಯ ಬಳಿ ಸ್ಯಾಪರ್‌ಗಳು ರಾತ್ರಿಯಿಡೀ ಕೆಲಸ ಮಾಡಿದರು’ ಎಂಬಂಥ ವಾಕ್ಯದಲ್ಲಿ ಮಾತ್ರ ಕನ್ನಡ ಪದ ಹಾಕಿ.

---

ಕಡಲತಡಿ:

ಎಲ್ಲರಿಗೂ ಧನ್ಯವಾದ. ಇನ್ನೆರಡು ಸಣ್ಣ ಪ್ರಶ್ನೆ. ‘37 ಅಸಾಲ್ಟ್ ಫೀಲ್ಡ್ ಕಂಪನಿ’ಯನ್ನು ‘37ನೇ ದಾಳಿ ಕ್ಷೇತ್ರ ಕಂಪನಿ’ ಅಂತ ಮಾಡಿದ್ದೇನೆ, ಸರಿಯೇ? ಮತ್ತೆ ‘ಮೈನ್‌ಗಳನ್ನು ತೆರವುಗೊಳಿಸಿದರು’ ಅಂತ ಎರಡು ಪದದಲ್ಲಿ ಮುಗಿಸಿದರೆ ಮಕ್ಕಳಿಗೆ ಏನು ಮಾಡಿದರು ಅಂತಲೇ ತಿಳಿಯದು. ಎಷ್ಟು ವಿವರ ಕೊಡಬಹುದು?

---

ದರ್ಜೆಪಟ್ಟಿ:

‘ದಾಳಿ ಕ್ಷೇತ್ರ ಕಂಪನಿ’ ಯಾವುದೋ ವ್ಯಾಪಾರದ ಕಂಪನಿಯ ಹಾಗೆ ಕೇಳಿಸುತ್ತದೆ. ‘37 ಅಸಾಲ್ಟ್ ಫೀಲ್ಡ್ ಕಂಪನಿ’ ಅಂತಲೇ ಬಿಡಿ. ‘ನೇ’ ಕೂಡ ಬೇಡ, ಸೇನೆಯಲ್ಲಿ ಘಟಕದ ಸಂಖ್ಯೆಯನ್ನು ಬಿಡಿಯಾಗಿಯೇ ಹೇಳುವುದು. ‘ಮುಂಚೂಣಿಯ ಪಡೆಗೆ ದಾರಿ ಮಾಡಿಕೊಡುವ ಸ್ಯಾಪರ್ ಕಂಪನಿ’ ಅಂತ ಒಂದು ವಿಶೇಷಣ ಮುಂದಿಟ್ಟರೆ ಕೆಲಸವೂ ತಿಳಿಯುತ್ತದೆ.

ಎರಡನೆಯದಕ್ಕೆ: 1948ರ ಏಪ್ರಿಲ್ 8ರಂದು ಜಮ್ಮು–ಕಾಶ್ಮೀರದ ನೌಶೇರಾ–ರಾಜೌರಿ ರಸ್ತೆಯ 26ನೇ ಮೈಲಿನ ಹತ್ತಿರ ಕೆಲಸ ಶುರುವಾಗುವ ಹೊತ್ತಿಗೆ ಮಾರ್ಟರ್ ದಾಳಿ ಆಗಿ, ರಾಣೆಯವರ ತಂಡದಲ್ಲಿ ಇಬ್ಬರು ಸತ್ತರು, ಐವರು ಗಾಯಗೊಂಡರು. ಗಾಯಗೊಂಡವರಲ್ಲಿ ರಾಣೆಯವರೂ ಒಬ್ಬರು. ಮುಂದಿದ್ದ ಕೆಲಸ ಎರಡು ಬಗೆಯದು: ನೆಲಬಾಂಬ್, ಮತ್ತು ಪೈನ್ ಮರಗಳನ್ನು ಉರುಳಿಸಿ ಹಾಕಿದ್ದ ಅಡ್ಡಗಟ್ಟು. ಹಿಂದೆ ಟ್ಯಾಂಕ್‌ಗಳು ಕಾದು ನಿಂತಿದ್ದವು. ದಾರಿ ತೆರೆಯದೆ ಅವು ಕದಲುವಂತಿರಲಿಲ್ಲ. ರಾಜೌರಿ ಮತ್ತೆ ನಮ್ಮ ಕೈಗೆ ಬಂದದ್ದು ಏಪ್ರಿಲ್ 12ಕ್ಕೆ.

ಕೈಯಿಂದ ತೆಗೆಯುವ ವಿಧಾನವನ್ನು ಮಕ್ಕಳಿಗೆ ಸಾಮಾನ್ಯವಾಗಿ ಹೀಗೆ ಹೇಳಬಹುದು. ಹೊಟ್ಟೆಯ ಮೇಲೆ ಮಲಗಿ, ಮೊನೆಯಿರುವ ಕಡ್ಡಿಯನ್ನು ನೆಲಕ್ಕೆ ಸುಮಾರು 30 ಡಿಗ್ರಿ ಓರೆಯಲ್ಲಿ ಮೆಲ್ಲಗೆ ಚುಚ್ಚುತ್ತಾರೆ. ನೇರ ಚುಚ್ಚಿದರೆ ಬಾಂಬಿನ ನೆತ್ತಿಯ ಒತ್ತುತಟ್ಟೆಗೇ ತಗಲುತ್ತದೆ, ಓರೆಯಾದರೆ ಪಕ್ಕಕ್ಕೆ ತಾಗಿ ನಿಲ್ಲುತ್ತದೆ. ಗಟ್ಟಿ ಏನಾದರೂ ತಾಗಿದರೆ ಬದಿಯಿಂದ ಮಣ್ಣು ಬಿಡಿಸುತ್ತಾರೆ. ಎತ್ತುವ ಮುಂಚೆ ಅಡಿಯಲ್ಲಿ ಇನ್ನೊಂದು ಸಿಡಿಯುವ ಬಲೆ ಇಲ್ಲ ಅಂತ ಖಾತ್ರಿ ಮಾಡಿಕೊಳ್ಳಬೇಕು, ಅನುಮಾನ ಇದ್ದರೆ ದೂರದಿಂದ ಹಗ್ಗ ಕಟ್ಟಿ ಎಳೆಯುವುದು. ತೆರವಾದ ದಾರಿಯ ಎರಡೂ ಅಂಚಿಗೆ ಬಿಳಿ ಪಟ್ಟಿ ಎಳೆಯುತ್ತಾರೆ. ಲೋಹ ಪತ್ತೆಯಂತ್ರ ಇದ್ದರೂ ಮರದ ಪೆಟ್ಟಿಗೆಯ ಬಾಂಬ್ ಅದಕ್ಕೆ ಸುಲಭವಾಗಿ ಸಿಗದು, ಹಾಗಾಗಿ ಕಡ್ಡಿ ಬಿಟ್ಟವರಿಲ್ಲ.

ಟ್ಯಾಂಕ್‌ಗೆಂದು ಹೂತದ್ದು ಸಾಮಾನ್ಯವಾಗಿ ನೂರು ಕೆಜಿಗಿಂತ ಹೆಚ್ಚು ಭಾರ ಬಿದ್ದರಷ್ಟೇ ಸಿಡಿಯುತ್ತದೆ, ಮನುಷ್ಯರಿಗೆಂದು ಹೂತದ್ದಕ್ಕೆ ಕೆಲವೇ ಕೆಜಿ ಸಾಕು. ಈ ಎರಡನ್ನೂ ‘ನೆಲಬಾಂಬ್’ ಅನ್ನುವುದರಿಂದ, ಮೂಲದಲ್ಲಿ ಯಾವುದು ಅಂತ ಇದ್ದರೆ ‘ಟ್ಯಾಂಕ್ ನಿರೋಧಕ’ ಅಂತ ಮುಂದೆ ಹಾಕಿ. ‘ಗಣಿ’ ಮಾತ್ರ ಎಲ್ಲೂ ನುಸುಳದ ಹಾಗೆ ಕರಡು ಮುಗಿದ ಮೇಲೆ ಒಮ್ಮೆ ಹುಡುಕಿ ನೋಡಿ.