ಹಳೆಯ ಕಾರಿನ ಮೀಟರ್ ಬೋರ್ಡ್: ಬದಲಿಸುವುದೋ, ದುರಸ್ತಿ ಮಾಡುವುದೋ?

ಪ್ರಶ್ನೆ: ತೀರ್ಥಹಳ್ಳಿ ಸಮೀಪದ ಅಡಿಕೆ ಬೆಳೆಗಾರರೊಬ್ಬರಿಂದ

ನಮ್ಮ ಮನೆಯಲ್ಲಿ ಕಾರ್ಬುರೇಟರ್ ಕಾಲದ ಮಾರುತಿ 800 ಇದೆ. ಈ ಮಳೆಗಾಲ ಕಳೆದ ಮೇಲೆ ಅದರ ಮೀಟರ್ ಬೋರ್ಡನ್ನು ನಂಬಲಾಗದಂತಾಗಿದೆ. ಹೆಡ್‌ಲೈಟ್ ಹಾಕಿದೊಡನೆ ಪೆಟ್ರೋಲ್ ಮುಳ್ಳು ಮತ್ತು ಟೆಂಪರೇಚರ್ ಮುಳ್ಳು ಎರಡೂ ಮೇಲಕ್ಕೇರುತ್ತವೆ. ಇಂಡಿಕೇಟರ್ ಹಾಕಿದರೆ ಬೋರ್ಡಿನ ಬೆಳಕೂ ಅದರ ಜೊತೆಗೆ ಮಿಣುಕುತ್ತದೆ. ಕೀ ತಿರುಗಿಸಿದಾಗ ಬ್ಯಾಟರಿ ದೀಪ ಹತ್ತುವುದೇ ಇಲ್ಲ. ಸ್ಪೀಡೋಮೀಟರ್ ಮುಳ್ಳು ನಿಧಾನ ವೇಗದಲ್ಲಿ ನಡುಗುತ್ತದೆ. ಪೇಟೆಯಲ್ಲಿ ತೋರಿಸಿದಾಗ ಗುಜರಿಯಿಂದ ಇಡೀ ಬೋರ್ಡ್ ತಂದು ಹಾಕುವುದೇ ದಾರಿ ಎಂದರು. ಮನೆಯಲ್ಲಿ ಮಲ್ಟಿಮೀಟರ್ ಇದೆ, ಬೆಸುಗೆ ಹಾಕಲು ಬರುತ್ತದೆ. ಇಂಥ ಕೆಲಸ ಮಾಡಿ ಅನುಭವವಿರುವವರು ಎಲ್ಲಿಂದ ಆರಂಭಿಸಬೇಕೆಂದು ತಿಳಿಸಬೇಕಾಗಿ ಕೋರುತ್ತೇನೆ.

ಶಿವಮೊಗ್ಗದಿಂದ, ಆಟೋ ಎಲೆಕ್ಟ್ರಿಕಲ್ ಕೆಲಸದಲ್ಲಿದ್ದವರು

ಬೋರ್ಡ್ ಬದಲಿಸುವ ಮಾತನ್ನು ಸದ್ಯಕ್ಕೆ ಬದಿಗಿಡಿ. ನೀವು ಹೇಳಿದ ನಾಲ್ಕು ಲಕ್ಷಣಗಳಲ್ಲಿ ಮೊದಲ ಎರಡಕ್ಕೆ ಕಾರಣ ಒಂದೇ ಇರುವಂತೆ ಕಾಣುತ್ತದೆ, ಮತ್ತು ಅದು ಬೋರ್ಡಿನ ಒಳಗೆ ಇರುವ ಸಂಭವ ಕಡಿಮೆ. ಮಲೆನಾಡಿನ ಹಳೆಯ ಗಾಡಿಗಳಲ್ಲಿ ಮೀಟರ್ ಕೆಟ್ಟಿದೆ ಎಂದು ಬಂದವುಗಳಲ್ಲಿ ಬಹುಪಾಲು ಗಾಡಿಗಳ ಮೀಟರ್ ಸರಿಯಾಗಿಯೇ ಇರುತ್ತಿತ್ತು. ಕೆಟ್ಟಿರುತ್ತಿದ್ದುದು ಅರ್ತ್ (ಕರೆಂಟ್ ಕಾರಿನ ಲೋಹದ ಮೈಯ ಮೂಲಕ ಬ್ಯಾಟರಿಯ ಮೈನಸ್ಸಿಗೆ ಮರಳುವ ದಾರಿ), ಇಲ್ಲವೇ ಕಪ್ಲರಿನ (ತಂತಿಗಳನ್ನು ಬೋರ್ಡಿಗೆ ಸೇರಿಸುವ ಪ್ಲಗ್ಗಿನ) ಪಿನ್ನುಗಳು.

ಇದು ಹೇಗೆಂದು ವಿವರಿಸುತ್ತೇನೆ. ಬೋರ್ಡಿನ ಹಿಂಭಾಗದಲ್ಲಿರುವ ಬೆಳಕಿನ ಬಲ್ಬುಗಳು, ಇಂಡಿಕೇಟರ್ ದೀಪಗಳು ಮತ್ತು ಮುಳ್ಳುಗಳಿಗೆ ವೋಲ್ಟೇಜ್ ಕೊಡುವ ಸ್ಟೆಬಿಲೈಸರ್ ಸಾಮಾನ್ಯವಾಗಿ ಒಂದೇ ಅರ್ತ್ ತಂತಿಯನ್ನು ಹಂಚಿಕೊಳ್ಳುತ್ತವೆ. ಹಳೆಯ ಕಾರುಗಳ ಪೆಟ್ರೋಲ್ ಮತ್ತು ಟೆಂಪರೇಚರ್ ಮೀಟರುಗಳು ಬಹಳಷ್ಟು ಕಡೆ ಬೈಮೆಟಲ್ ಮಾದರಿಯವು. ಒಳಗಿನ ಎರಡು ಲೋಹದ ಪಟ್ಟಿಯ ಮೇಲೆ ಸುತ್ತಿದ ತಂತಿ ಬಿಸಿಯಾದಂತೆ ಪಟ್ಟಿ ಬಾಗಿ ಮುಳ್ಳನ್ನು ತಳ್ಳುತ್ತದೆ. ಕೀ ಹಾಕಿದ ಮೇಲೆ ಮುಳ್ಳು ಜಿಗಿಯದೆ ನಿಧಾನವಾಗಿ ಏಳುತ್ತದೆಯಾದರೆ ನಿಮ್ಮದೂ ಅದೇ ಮಾದರಿ ಎಂದು ತಿಳಿಯಬಹುದು. ಬ್ಯಾಟರಿಯ ವೋಲ್ಟೇಜ್ ಏರಿಳಿದರೂ ಮುಳ್ಳು ಅಲುಗಬಾರದೆಂದು ಈ ಮೀಟರುಗಳಿಗೆ 12 ವೋಲ್ಟಿಗಿಂತ ಕಡಿಮೆಯ, ಸ್ಥಿರವಾದ ವೋಲ್ಟೇಜನ್ನು ಸ್ಟೆಬಿಲೈಸರ್ ಒದಗಿಸುತ್ತದೆ. ಅರ್ತ್ ತುಕ್ಕು ಹಿಡಿದಾಗ, ಹೆಡ್‌ಲೈಟಿನ ಜೊತೆಗೆ ಹತ್ತಿಕೊಳ್ಳುವ ಬೋರ್ಡಿನ ಬಲ್ಬುಗಳ ಕರೆಂಟ್ ಹೊರಹೋಗಲು ದಾರಿ ಸಾಲದೆ ಇಡೀ ಅರ್ತ್ ಗೆರೆಯ ವೋಲ್ಟೇಜ್ ಮೇಲೇರುತ್ತದೆ. ಸ್ಟೆಬಿಲೈಸರ್ ಆ ಏರಿದ ಮಟ್ಟದಿಂದಲೇ ಅಳೆದು ಕೊಡುವುದರಿಂದ ಎರಡೂ ಮುಳ್ಳುಗಳು ಒಟ್ಟಿಗೆ ಹೆಚ್ಚು ತೋರಿಸುತ್ತವೆ. ಇಂಡಿಕೇಟರ್ ಮಿಣುಕಿದಾಗ ಉಳಿದ ಬೆಳಕೂ ಮಿಣುಕುವುದಕ್ಕೆ ಇದೇ ಕಾರಣ. ಎರಡು ಮುಳ್ಳುಗಳೂ ಒಟ್ಟಿಗೆ ತಪ್ಪು ತೋರಿಸಿದರೆ ಅರ್ತ್ ಅಥವಾ ಸ್ಟೆಬಿಲೈಸರನ್ನು ಹುಡುಕಿ, ಒಂದೇ ತಪ್ಪು ತೋರಿಸಿದರೆ ಆ ಒಂದರ ತಂತಿ ಮತ್ತು ಸೆಂಡರನ್ನು (ಟ್ಯಾಂಕಿನಲ್ಲಿ ಅಥವಾ ಎಂಜಿನ್ನಿನಲ್ಲಿ ಕುಳಿತು ಮೀಟರಿಗೆ ಅಳತೆ ಕಳಿಸುವ ಭಾಗವನ್ನು) ಹುಡುಕಿ.

ಪರೀಕ್ಷೆ ಸುಲಭ. ಮಲ್ಟಿಮೀಟರನ್ನು 2 ವೋಲ್ಟಿನ ಡಿಸಿ ಸ್ಥಾನದಲ್ಲಿಟ್ಟು, ಒಂದು ತುದಿಯನ್ನು ಬ್ಯಾಟರಿಯ ಮೈನಸ್ ಕಂಬಕ್ಕೂ ಇನ್ನೊಂದನ್ನು ಬೋರ್ಡಿನ ಅರ್ತ್ ಪಿನ್ನಿಗೂ ಹಿಡಿದು, ಹೆಡ್‌ಲೈಟ್, ಇಂಡಿಕೇಟರ್, ವೈಪರ್ ಎಲ್ಲವನ್ನೂ ಚಾಲೂ ಮಾಡಿ. 0.1 ವೋಲ್ಟಿನ ಆಸುಪಾಸಿನಲ್ಲಿದ್ದರೆ ಅರ್ತ್ ಚೆನ್ನಾಗಿದೆ. ಅರ್ಧ ವೋಲ್ಟ್ ದಾಟಿದರೆ ಕಾರಣ ಅಲ್ಲಿಯೇ ಇದೆ. ಗಾಡಿ ನಿಲ್ಲಿಸಿ ಓಮ್ ಅಳೆದು ತೃಪ್ತರಾಗಬೇಡಿ, ಏಕೆಂದರೆ ಒಂದೇ ಎಳೆ ಉಳಿದಿರುವ ತಂತಿಯೂ ಓಮ್ ಮೀಟರಿಗೆ ಸರಿಯಾಗಿಯೇ ಕಾಣುತ್ತದೆ. ಕರೆಂಟ್ ಹರಿಯುವಾಗ ಮಾತ್ರ ಅದರ ದೌರ್ಬಲ್ಯ ಹೊರಬೀಳುತ್ತದೆ. ದೋಷ ಕಂಡರೆ ಡ್ಯಾಶ್‌ಬೋರ್ಡಿನ ಹಿಂದೆ ಅರ್ತ್ ತಂತಿಯನ್ನು ಕಾರಿನ ಲೋಹದ ಬಾಡಿಗೆ ಬಿಗಿದ ಸ್ಕ್ರೂ ಬಿಚ್ಚಿ, ಬಣ್ಣ ಮತ್ತು ತುಕ್ಕನ್ನು ಲೋಹ ಹೊಳೆಯುವವರೆಗೆ ಕೆರೆದು, ಮತ್ತೆ ಬಿಗಿದು, ಮೇಲೆ ಗ್ರೀಸ್ ಸವರಿ. ಅದರ ಜೊತೆಗೆ ಬೋರ್ಡಿನಿಂದ ಬಾಡಿಗೆ 1.5 ಚದರ ಮಿಲಿಮೀಟರಿನ ಇನ್ನೊಂದು ತಂತಿಯನ್ನು ಎಳೆದುಬಿಡುವುದು ನನ್ನ ಪದ್ಧತಿಯಾಗಿತ್ತು.

ಇನ್ನು ಬ್ಯಾಟರಿ ದೀಪ. ಬೇರೆಲ್ಲಕ್ಕಿಂತ ಮೊದಲು ಇದನ್ನು ಸರಿಪಡಿಸಿಕೊಳ್ಳಿ. ಅನೇಕ ಹಳೆಯ ಗಾಡಿಗಳಲ್ಲಿ ಆಲ್ಟರ್ನೇಟರ್ (ಎಂಜಿನ್ನಿನಿಂದ ತಿರುಗಿ ಬ್ಯಾಟರಿಗೆ ಕರೆಂಟ್ ತುಂಬುವ ಯಂತ್ರ) ಚಾರ್ಜ್ ಮಾಡಲು ಆರಂಭಿಸಬೇಕಾದರೆ ಅದರ ಫೀಲ್ಡ್ ಕಾಯಿಲಿಗೆ (ಅಯಸ್ಕಾಂತವಾಗುವ ತಂತಿ ಸುರುಳಿಗೆ) ಮೊದಲ ಕರೆಂಟ್ ಈ ಸಣ್ಣ ಬಲ್ಬಿನ ಮೂಲಕವೇ ಹೋಗಬೇಕು. ಬಲ್ಬ್ ಸುಟ್ಟಿದ್ದರೆ ಎಂಜಿನ್ ಜೋರಾಗಿ ತಿರುಗುವವರೆಗೆ ಚಾರ್ಜ್ ಆರಂಭವಾಗದಿರಬಹುದು, ಕೆಲವೊಮ್ಮೆ ಆಗದೆಯೇ ಇರಬಹುದು. ಕೀ ಹಾಕಿ, ಆಲ್ಟರ್ನೇಟರಿನ ದೀಪದ ತಂತಿಯನ್ನು ಕಳಚಿ ಎಂಜಿನ್ನಿಗೆ ಮುಟ್ಟಿಸಿ. ದೀಪ ಹತ್ತಿದರೆ ಬಲ್ಬ್ ಮತ್ತು ತಂತಿ ಸರಿ, ದೋಷ ಆಲ್ಟರ್ನೇಟರಿನ ಕಡೆ. ಹತ್ತದಿದ್ದರೆ ಬಲ್ಬ್ ಅಥವಾ ಅದರ ಹೋಲ್ಡರ್. ಗಾಡಿ ಓಡುವಾಗ ಬ್ಯಾಟರಿಯ ಮೇಲೆ 13.8ರಿಂದ 14.4 ವೋಲ್ಟ್ ಇರಬೇಕು.

ಹೊಸನಗರ ತಾಲ್ಲೂಕಿನಿಂದ, ಡೀಸೆಲ್ ಜೀಪಿನ ಮಾಲೀಕರು

ಮೇಲಿನವರು ಅರ್ತ್ ವಿಚಾರವನ್ನು ಚೆನ್ನಾಗಿ ಬರೆದಿದ್ದಾರೆ. ಅದಕ್ಕೆ ಒಂದು ಸೇರ್ಪಡೆ ಮಾಡುತ್ತೇನೆ. ಬೋರ್ಡಿನ ಅರ್ತನ್ನಷ್ಟೇ ನೋಡಿದರೆ ಸಾಲದು, ಎಂಜಿನ್‌ನಿಂದ ಬಾಡಿಗೆ ಹೋಗುವ ಹೆಣೆದ ಪಟ್ಟಿಯನ್ನೂ ನೋಡಬೇಕು. ನಮ್ಮ ಜೀಪಿನಲ್ಲಿ ಆ ಪಟ್ಟಿ ತುಕ್ಕು ತಿಂದು ಕಡಿದುಹೋಗಿತ್ತು. ಎಂಜಿನ್ ರಬ್ಬರ್ ಮೌಂಟಿಂಗ್ ಮೇಲೆ ಕುಳಿತಿರುವುದರಿಂದ ಸ್ಟಾರ್ಟರಿನ ನೂರಾರು ಆಂಪಿಯರ್ ಕರೆಂಟ್ ಸಿಕ್ಕ ಸಿಕ್ಕ ದಾರಿ ಹಿಡಿಯುತ್ತದೆ: ಆಕ್ಸಿಲರೇಟರ್ ಕೇಬಲ್, ಸ್ಪೀಡೋಮೀಟರ್ ಕೇಬಲ್, ಯಾವುದಾದರೂ ಆಗಬಹುದು. ಸೆಲ್ಫ್ ಹೊಡೆದಾಗ ಸ್ಪೀಡೋ ಕೇಬಲಿನ ಹೊರಕವಚ ಮುಟ್ಟಲಾಗದಷ್ಟು ಬಿಸಿಯಾಗುತ್ತಿದ್ದುದನ್ನು ಕಂಡ ಮೇಲೆಯೇ ನಮಗೆ ಕಾರಣ ಹೊಳೆದದ್ದು. ಟೆಂಪರೇಚರ್ ಸೆಂಡರ್ ಎಂಜಿನ್ನಿಗೆ ತಿರುಗಿಸಿ ಕೂರಿಸಿದ ಭಾಗವಾದ್ದರಿಂದ ಅದರ ಅರ್ತ್ ಕೂಡ ಇದೇ ಪಟ್ಟಿಯನ್ನು ಅವಲಂಬಿಸಿದೆ. ಆ ಸೆಂಡರಿನ ಸ್ಕ್ರೂ ಮರೆಗಳಿಗೆ ನೀರು ಸೋರದಿರಲೆಂದು ಟೆಫ್ಲಾನ್ ಟೇಪನ್ನು ದಪ್ಪವಾಗಿ ಸುತ್ತುವವರಿದ್ದಾರೆ. ಹಾಗೆ ಸುತ್ತಿದರೆ ಅರ್ತ್ ಸರಿಯಾಗಿ ಸಿಗದೆ ಮುಳ್ಳು ಕಡಿಮೆ ತೋರಿಸಬಹುದು. ಸೋಮೇಶ್ವರದಿಂದ ಆಗುಂಬೆಗೆ ಹದಿನಾಲ್ಕು ತಿರುವುಗಳನ್ನು ಎರಡನೇ ಗೇರಿನಲ್ಲಿ ಏರುವಾಗ ಎಂಜಿನ್ ಕಾದರೂ ಮುಳ್ಳು ತಣ್ಣಗೆ ಮಲಗಿದ್ದರೆ ಹೆಡ್ ಗ್ಯಾಸ್ಕೆಟ್ಟಿಗೆ ಬೆಲೆ ತೆರಬೇಕಾಗುತ್ತದೆ.

ಇಲಿಗಳನ್ನೂ ಮರೆಯಬೇಡಿ. ಅಡಿಕೆ ಸಿಪ್ಪೆ, ಹುಲ್ಲು ತುಂಬಿದ ಕೊಟ್ಟಿಗೆಯ ಪಕ್ಕ ಗಾಡಿ ನಿಲ್ಲಿಸುವ ಮನೆಗಳಲ್ಲಿ ಡ್ಯಾಶ್‌ಬೋರ್ಡಿನ ಹಿಂಭಾಗ ಅವುಗಳಿಗೆ ಬೆಚ್ಚನೆಯ ಜಾಗ. ತಂತಿಗಳ ಕಟ್ಟನ್ನು ಟಾರ್ಚ್ ಹಿಡಿದು ಪೂರ್ತಿ ನೋಡಿದ ಮೇಲೆಯೇ ಬೇರೆ ಪರೀಕ್ಷೆಗೆ ಕೈಹಾಕಿ.

ಸಾಗರದಿಂದ, ಎಲೆಕ್ಟ್ರಾನಿಕ್ಸ್ ಬೋಧಿಸುವವರು

ಬೋರ್ಡನ್ನು ಹೊರತೆಗೆಯಲೇಬೇಕಾದರೆ ಮೊದಲು ಬ್ಯಾಟರಿಯ ಮೈನಸ್ ಕಳಚಿ, ಹಿಂಭಾಗದ ಫೋಟೋ ತೆಗೆದಿಟ್ಟುಕೊಳ್ಳಿ. ಹಿಂಬದಿಯಲ್ಲಿ ಪ್ಲಾಸ್ಟಿಕ್ ಹಾಳೆಯ ಮೇಲೆ ತಾಮ್ರದ ಗೆರೆಗಳನ್ನು ಅಂಟಿಸಿದ ಸರ್ಕ್ಯೂಟ್ ಇರುವ ಬೋರ್ಡುಗಳಲ್ಲಿ ನಮ್ಮ ಕಡೆಯ ತೇವ ಮೊದಲು ತಿನ್ನುವುದು ಬಲ್ಬ್ ಹೋಲ್ಡರ್ ಕೂರುವ ಜಾಗವನ್ನು. ಹಸಿರು ಬಣ್ಣ ಕಟ್ಟಿದ್ದರೆ ಪೆನ್ಸಿಲ್ ಅಳಿಸುವ ರಬ್ಬರಿನಿಂದ ಮೃದುವಾಗಿ ಉಜ್ಜಿ, ಐಸೋಪ್ರೊಪೈಲ್ ಆಲ್ಕೋಹಾಲಿನಲ್ಲಿ ಒರೆಸಿ. ಪಾಲಿಶ್ ಕಾಗದ ಬೇಡ; ತಾಮ್ರದ ಪದರ ಬಹಳ ತೆಳುವಾದ್ದರಿಂದ ಉಜ್ಜಿದ ಜಾಗದಲ್ಲಿ ಗೆರೆಯೇ ಇಲ್ಲವಾಗುತ್ತದೆ.

ಗೆರೆ ಕಡಿದಿದ್ದರೆ ಅದರ ಮೇಲೆಯೇ ಬೆಸುಗೆ ಹಾಕುವ ಆಸೆ ಯಾರಿಗಾದರೂ ಬರುತ್ತದೆ. ಹಾಳೆ ಕರಗುವ ಅಪಾಯವಿರುವುದರಿಂದ 25 ವ್ಯಾಟ್ ಮೀರದ ಐರನ್ ಬಳಸಿ, ಎರಡೂ ಬದಿಗೆ ಮೊದಲೇ ಸೀಸ ಹಚ್ಚಿ, ಒಂದೆರಡು ಸೆಕೆಂಡಿನಲ್ಲಿ ಮುಗಿಸಬೇಕು. ಸಾಧ್ಯವಿರುವೆಡೆ ನಾನು ಕಡಿದ ಗೆರೆಯನ್ನು ಹಾಗೆಯೇ ಬಿಟ್ಟು, ಕಪ್ಲರಿನ ಪಿನ್ನಿನಿಂದ ಹೋಲ್ಡರಿನವರೆಗೆ ತೆಳುವಾದ ತಂತಿಯನ್ನು ಹಿಂಬದಿಯಲ್ಲಿ ಎಳೆಯುವುದನ್ನೇ ಇಷ್ಟಪಡುತ್ತೇನೆ. ನೋಟಕ್ಕೆ ಚೆಂದವಿಲ್ಲ, ಬಾಳಿಕೆಗೆ ಉತ್ತಮ. ಬೆಸುಗೆಗೆ ರಾಳದ ಫ್ಲಕ್ಸ್ ಮಾತ್ರ ಬಳಸಿ. ತಗಡಿನ ಕೆಲಸದವರ ಆಸಿಡ್ ಫ್ಲಕ್ಸ್ ಹಚ್ಚಿದ ಜೋಡಣೆ ಮಳೆಗಾಲದ ತೇವದಲ್ಲಿ ಒಳಗಿನಿಂದಲೇ ಕೊಳೆಯುತ್ತದೆ. ಇನ್ಸುಲೇಷನ್ ಟೇಪಿನ ಗೋಂದು ತೇವಕ್ಕೆ ಬಿಟ್ಟುಕೊಳ್ಳುವುದರಿಂದ ಬಿಸಿಗೆ ಕುಗ್ಗುವ ಸ್ಲೀವ್ ಹಾಕಿ. ಗಾಜಿನ ಒಳಗೆ ಆವಿ ಕಟ್ಟಿದ್ದರೆ ಸಿಲಿಕಾ ಜೆಲ್ ಪೊಟ್ಟಣಗಳೊಂದಿಗೆ ಮುಚ್ಚಿದ ಡಬ್ಬಿಯಲ್ಲಿಡಿ. ಅಡಿಕೆ ಡ್ರೈಯರಿನಲ್ಲಿಟ್ಟು ಒಣಗಿಸಿದ ಬೋರ್ಡೊಂದನ್ನು ನೋಡಿದ್ದೇನೆ. ಅದರ ಮುಖ ಹಪ್ಪಳದಂತೆ ಸೊಟ್ಟಗಾಗಿತ್ತು.

ನೀರು ಎಲ್ಲಿಂದ ಬಂತು ಎಂಬುದನ್ನೂ ಹುಡುಕಬೇಕು. ಮುಂದಿನ ಗಾಜಿನ ಬೀಡಿಂಗ್ ಒಣಗಿ ಬಿರಿದಿರುವುದು, ವೈಪರ್ ಕೆಳಗಿನ ಜಾಲರಿಯಲ್ಲಿ ತರಗೆಲೆ ತುಂಬಿ ನೀರು ನಿಲ್ಲುವುದು, ಇವೆರಡೇ ಸಾಮಾನ್ಯ ಕಾರಣಗಳು.

ಕೊಪ್ಪದಿಂದ

ಸ್ಪೀಡೋಮೀಟರ್ ಬಗ್ಗೆ ಯಾರೂ ಬರೆದಿಲ್ಲವಾದ್ದರಿಂದ ಚಿಕ್ಕದಾಗಿ ಬರೆಯುತ್ತೇನೆ. ಕೇಬಲಿನ ತುದಿಯಲ್ಲಿ ತಿರುಗುವ ಅಯಸ್ಕಾಂತ ಅಲ್ಯೂಮಿನಿಯಂ ಬಟ್ಟಲನ್ನು ಮುಟ್ಟದೆಯೇ ತನ್ನೊಡನೆ ಎಳೆಯುತ್ತದೆ, ಕೂದಲಿನಂತೆ ತೆಳುವಾದ ಒಂದು ಸ್ಪ್ರಿಂಗ್ ಆ ಬಟ್ಟಲನ್ನು ಹಿಡಿದಿಡುತ್ತದೆ. ಆದ್ದರಿಂದ ಕೇಬಲ್ ಒಂದೇ ಸಮನೆ ತಿರುಗದೆ ಜಗ್ಗಿ ಜಗ್ಗಿ ತಿರುಗಿದರೆ ಮುಳ್ಳು ನಡುಗುತ್ತದೆ. ಮುಳ್ಳು ಮತ್ತು ಕಿಲೋಮೀಟರ್ ಅಂಕಿಗಳು ಎರಡೂ ನಿಂತಿದ್ದರೆ ಕೇಬಲ್ ಅಥವಾ ಗೇರ್‌ಬಾಕ್ಸಿನ ಪಿನಿಯನ್ (ಕೇಬಲನ್ನು ತಿರುಗಿಸುವ ಸಣ್ಣ ಹಲ್ಲಿನ ಚಕ್ರ); ಅಂಕಿ ಓಡುತ್ತಿದ್ದು ಮುಳ್ಳು ಮಾತ್ರ ನಿಂತಿದ್ದರೆ ಮೀಟರಿನ ಒಳಗಿನ ದೋಷ. ನಿಮ್ಮದು ನಡುಗುವುದಷ್ಟೇ ಆದ್ದರಿಂದ ಒಳಕೇಬಲನ್ನು ಹೊರಗೆಳೆದು, ಸೀಮೆಎಣ್ಣೆಯಲ್ಲಿ ತೊಳೆದು ಒಣಗಿಸಿ, ಗೇರ್‌ಬಾಕ್ಸ್ ಕಡೆಯ ಮೂರರಲ್ಲಿ ಎರಡು ಭಾಗಕ್ಕೆ ಮಾತ್ರ ತೆಳುವಾಗಿ ಗ್ರೀಸ್ ಹಚ್ಚಿ. ಮೇಲ್ತುದಿಗೆ ಹಚ್ಚಿದರೆ ಅದು ಏರಿ ಮೀಟರಿನ ಒಳಗೆ ಸೇರುತ್ತದೆ. ಮತ್ತೆ ಕೂರಿಸುವಾಗ ಎಲ್ಲಿಯೂ ಚೂಪಾದ ಬಾಗು ಬರದಂತೆ ನೋಡಿಕೊಳ್ಳಿ.

ಕೇಳಿದವರಿಂದ ಮತ್ತೆ

ಎಲ್ಲರಿಗೂ ಕೃತಜ್ಞತೆಗಳು. ಅರ್ತ್ ಪಿನ್ನಿನಲ್ಲಿ 0.9 ವೋಲ್ಟ್ ತೋರಿಸಿತು. ಸ್ಕ್ರೂ ಬಿಚ್ಚಿದಾಗ ಬುಡವೆಲ್ಲ ತುಕ್ಕಾಗಿತ್ತು. ಕೆರೆದು ಬಿಗಿದ ಮೇಲೆ ಟೆಂಪರೇಚರ್ ಮುಳ್ಳು ಸರಿಯಾಗಿದೆ, ಆದರೆ ಪೆಟ್ರೋಲ್ ಮುಳ್ಳು ಈಗ ಅರ್ಧ ಟ್ಯಾಂಕ್ ಇದ್ದರೂ ಕೆಳಗೇ ಇದೆ. ಬ್ಯಾಟರಿ ದೀಪದ ಬಲ್ಬ್ ಸುಟ್ಟಿದೆ. ಬೋರ್ಡ್ ಬಿಚ್ಚಿರುವಾಗಲೇ ಎಲ್ಲ ಬಲ್ಬುಗಳಿಗೂ ಎಲ್‌ಇಡಿ ಹಾಕಿಬಿಡಬಹುದೇ?

ಶಿವಮೊಗ್ಗದವರ ಉತ್ತರ

ಬೆಳಕಿನ ಬಲ್ಬುಗಳಿಗೆ ಎಲ್‌ಇಡಿ ಹಾಕಬಹುದು, ಪ್ಲಸ್ ಮೈನಸ್ ತಿರುಗಾಮುರುಗಾ ಆದರೆ ಹತ್ತುವುದಿಲ್ಲ ಎಂಬುದಷ್ಟೇ ನೆನಪಿರಲಿ. ಬ್ಯಾಟರಿ ದೀಪಕ್ಕೆ ಮಾತ್ರ ಬೇಡ. ಎಲ್‌ಇಡಿಯ ಮೂಲಕ ಹರಿಯುವ ಕೆಲವೇ ಮಿಲಿ ಆಂಪಿಯರ್ ಫೀಲ್ಡ್ ಕಾಯಿಲನ್ನು ಎಬ್ಬಿಸಲು ಸಾಲದೆ, ಮೊದಲು ಹೇಳಿದ ತೊಂದರೆಯೇ ಮರಳಿ ಬರಬಹುದು. ಅಲ್ಲಿ ಮೊದಲಿದ್ದ ವ್ಯಾಟೇಜಿನ ಫಿಲಮೆಂಟ್ ಬಲ್ಬನ್ನೇ ಹಾಕಿ. ಎಡ ಬಲ ಎರಡಕ್ಕೂ ಒಂದೇ ಇಂಡಿಕೇಟರ್ ದೀಪವಿರುವ ಹಳೆಯ ಗಾಡಿಗಳಲ್ಲಿಯೂ ಎಲ್‌ಇಡಿ ಕೈಕೊಡುತ್ತದೆ, ಏಕೆಂದರೆ ಅಲ್ಲಿ ಕರೆಂಟ್ ಒಮ್ಮೆ ಒಂದು ದಿಕ್ಕಿನಲ್ಲಿ, ಇನ್ನೊಮ್ಮೆ ವಿರುದ್ಧ ದಿಕ್ಕಿನಲ್ಲಿ ಹರಿಯುತ್ತದೆ.

ಪೆಟ್ರೋಲ್ ಮುಳ್ಳಿನ ವಿಷಯ: ಕೆಟ್ಟ ಅರ್ತ್ ಇಷ್ಟು ದಿನ ಮುಳ್ಳನ್ನು ಮೇಲೆತ್ತಿ ಇನ್ನೊಂದು ದೋಷವನ್ನು ಮುಚ್ಚಿತ್ತು ಎಂದು ತೋರುತ್ತದೆ. ಬೋರ್ಡಿನ ಕಪ್ಲರಿನಲ್ಲಿ ಟ್ಯಾಂಕಿನಿಂದ ಬರುವ ತಂತಿಯನ್ನು ಗುರುತಿಸಿ, ಮೀಟರ್ ಕಡೆಯ ತುದಿಯನ್ನು 12 ವೋಲ್ಟ್ 5 ವ್ಯಾಟಿನ ಬಲ್ಬಿನ ಮೂಲಕ ಬಾಡಿಗೆ ಮುಟ್ಟಿಸಿ. ತಂತಿಯ ಬಣ್ಣವನ್ನು ನಂಬಬೇಡಿ. ಹಿಂದೆ ಕೈಹಾಕಿದವರು ಯಾವ ಬಣ್ಣಕ್ಕೆ ಯಾವುದನ್ನು ಜೋಡಿಸಿದ್ದಾರೋ ತಿಳಿಯದು. ಮುಳ್ಳು ತುಂಬಿದ ಗುರುತಿನ ಕಡೆಗೆ ಏರಿದರೆ ಮೀಟರ್ ಸರಿ, ದೋಷ ಟ್ಯಾಂಕ್ ಯೂನಿಟ್ಟಿನಲ್ಲಿ (ಟ್ಯಾಂಕಿನೊಳಗಿನ ಸೆಂಡರಿನಲ್ಲಿ) ಅಥವಾ ಅದರ ಅರ್ತಿನಲ್ಲಿ. ಈ ಪರೀಕ್ಷೆಯನ್ನು ಬೋರ್ಡಿನ ಬಳಿಯೇ ಮಾಡಿ, ಟ್ಯಾಂಕಿನ ಬಳಿ ಕಿಡಿ ಹಾರುವ ಯಾವ ಕೆಲಸವೂ ಬೇಡ. ಯೂನಿಟ್ ಬಿಚ್ಚುವುದಾದರೆ ಬಯಲಿನಲ್ಲಿ, ಬ್ಯಾಟರಿ ಕಳಚಿ, ಟ್ಯಾಂಕ್ ಆದಷ್ಟು ಖಾಲಿಯಿರುವಾಗ ಬಿಚ್ಚಿ. ಫ್ಲೋಟನ್ನು ಕೈಯಿಂದ ಮೇಲೆ ಕೆಳಗೆ ಆಡಿಸುತ್ತ ಓಮ್ ಅಳೆದಾಗ ಓದು ಎಲ್ಲಿಯೂ ಕಡಿಯದೆ ಬದಲಾಗುತ್ತ ಹೋಗಬೇಕು. ನಡುವೆ ಕಡಿದರೆ ತಂತಿ ಸವೆದಿದೆ, ಯೂನಿಟ್ ಬದಲಿಸಿ. ಫ್ಲೋಟನ್ನು ಅಲುಗಾಡಿಸಿ ಒಳಗೆ ಪೆಟ್ರೋಲ್ ತುಂಬಿದೆಯೇ ಎಂದೂ ನೋಡಿ, ತುಂಬಿದ ಫ್ಲೋಟ್ ತೇಲುವುದಿಲ್ಲ.

ಗುಜರಿಯ ಬೋರ್ಡ್ ಇನ್ನೂ ಮನಸ್ಸಿನಲ್ಲಿದ್ದರೆ ಒಂದು ಮಾತು. ಮಾರುತಿ 800 1983ರ ಡಿಸೆಂಬರಿನಿಂದ 2014ರ ಜನವರಿಯವರೆಗೆ ತಯಾರಾಯಿತು. ಈ ಅವಧಿಯಲ್ಲಿ ಬಾಡಿಯೂ ವೈರಿಂಗೂ ಬದಲಾಗಿದ್ದರಿಂದ ಹೊರಗೆ ಒಂದೇ ರೀತಿ ಕಾಣುವ ಬೋರ್ಡುಗಳ ಪಿನ್ನುಗಳು ಬೇರೆಯಿರಬಹುದು, ಎಂಪಿಎಫ್‌ಐ (ಕಾರ್ಬುರೇಟರ್ ಬದಲು ಕಂಪ್ಯೂಟರ್ ನಿಯಂತ್ರಣದ ಇಂಜೆಕ್ಷನ್ ಇರುವ) ಗಾಡಿಯ ಬೋರ್ಡಿನಲ್ಲಿ ಎಂಜಿನ್ ಎಚ್ಚರಿಕೆಯ ದೀಪವೂ ಸೇರಿರುತ್ತದೆ. ವಾಹನದ ಬಿಡಿಭಾಗಗಳ ಅಂಗಡಿಗಳಿರುವ ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ಹುಡುಕುವುದಾದರೆ ನಿಮ್ಮ ಬೋರ್ಡಿನ ಹಿಂಭಾಗದ ಫೋಟೋ ಜೊತೆಗಿರಲಿ. ಬದಲಿಸಿದರೆ ಹಳೆಯ ಮತ್ತು ಹೊಸ ಕಿಲೋಮೀಟರ್ ಅಂಕಿಗಳೆರಡನ್ನೂ ದಿನಾಂಕದೊಂದಿಗೆ ಸರ್ವಿಸ್ ಪುಸ್ತಕದಲ್ಲಿ ಬರೆದಿಡಿ. ನಾಳೆ ಗಾಡಿ ಮಾರುವಾಗ ಕೊಳ್ಳುವವರಿಗೆ ಅದನ್ನು ತೋರಿಸಬೇಕಾಗುತ್ತದೆ.