ಫೈರ್‌ರೆಡ್: ಗ್ರೌಲಿತ್‌ಗೆ ಫೈರ್ ಸ್ಟೋನ್ ಈಗಲೇ ಕೊಡಲಾ, ಕಾಯಲಾ?

ಚುರುಮುರಿ:

ಎಲ್ಲರಿಗೂ ನಮಸ್ಕಾರ. ಹಳೇ ಗೇಮ್‌ಬಾಯ್ ಅಡ್ವಾನ್ಸ್ ಎಸ್‌ಪಿಯಲ್ಲಿ ಪೋಕೆಮಾನ್ ಫೈರ್‌ರೆಡ್ ಮತ್ತೆ ಶುರು ಮಾಡಿದ್ದೇನೆ. ಮೂರು ಜಿಮ್ ಗೆದ್ದು ಮೂರು ಬ್ಯಾಡ್ಜ್ ಆಗಿದೆ, ಸೆಲಡಾನ್ ಊರಲ್ಲಿದ್ದೇನೆ. ರೂಟ್ 7ರ ಹುಲ್ಲಲ್ಲಿ ಹಿಡಿದ ಬೆಂಕಿ ನಾಯಿಮರಿ ಗ್ರೌಲಿತ್ ಈಗ ಲೆವೆಲ್ 24. ಡಿಪಾರ್ಟ್‌ಮೆಂಟ್ ಸ್ಟೋರ್‌ನ ನಾಲ್ಕನೇ ಮಹಡಿಯಲ್ಲಿ 2100 ಕೊಟ್ಟು, ಅದನ್ನು ದೊಡ್ಡ ರೂಪವಾದ ಆರ್ಕನೈನ್ ಮಾಡುವ ಫೈರ್ ಸ್ಟೋನ್ ತಗೊಂಡಿದ್ದೂ ಆಯಿತು. ಈಗ ಬ್ಯಾಗ್ ತೆರೆಯುತ್ತೇನೆ, ಕಲ್ಲಿನ ಮೇಲೆ ಕರ್ಸರ್ ಇಡುತ್ತೇನೆ, ಮುಚ್ಚುತ್ತೇನೆ. ನಿನ್ನೆಯಿಂದ ಇದೇ ಆಗಿದೆ.

ಹೆದರಿಕೆಗೆ ಕಾರಣ ಇದೆ. ಹಿಂದಿನ ಸಲ ಕಲ್ಲು ಸಿಕ್ಕ ಕೂಡಲೇ ಆರ್ಕನೈನ್ ಮಾಡಿದ್ದೆ. ಆಮೇಲೆ ಲೆವೆಲ್ 40 ದಾಟಿದರೂ ಒಂದೇ ಒಂದು ಹೊಸ ಮೂವ್ (ಯುದ್ಧದಲ್ಲಿ ಬಳಸುವ ವಿದ್ಯೆ) ಕಲಿಯಲಿಲ್ಲ. ಆಕಾರ ಆನೆಯದು, ಬೆಂಕಿ ಬೀಡಿಯದು. ಕೊನೆಯವರೆಗೂ ಎಂಬರ್ ಒಂದರಲ್ಲೇ ಕಾಲ ಹಾಕಿದೆ. ಕಾರ್ಟ್ರಿಜ್ ಹಾಳಾಗಿದೆಯಾ ಅಂತಲೂ ಅನ್ನಿಸಿತ್ತು. ಈ ಸಲ ಏನು ಮಾಡಲಿ?

ಹಳೇ ಬ್ಯಾಟರಿ:

ಕಾರ್ಟ್ರಿಜ್ ಸರಿಯಾಗೇ ಇದೆ, ಆಟ ಇರುವುದೇ ಹಾಗೆ. ಗ್ರೌಲಿತ್ ಕಲಿಯುವ ಮೂವ್‌ಗಳ ಪಟ್ಟಿ ಬೇರೆ, ಆರ್ಕನೈನ್‌ನ ಪಟ್ಟಿ ಬೇರೆ. ಫೈರ್‌ರೆಡ್‌ನಲ್ಲಿ ಆರ್ಕನೈನ್ ಆದ ಮೇಲೆ ಲೆವೆಲ್ ಏರಿ ಕಲಿಯುವುದು ಒಂದೇ ಮೂವ್: 49ಕ್ಕೆ ಎಕ್ಸ್‌ಟ್ರೀಮ್‌ಸ್ಪೀಡ್. ನಡುವೆ ಪೂರ್ತಿ ಖಾಲಿ. ಗ್ರೌಲಿತ್ ಆಗಿಯೇ ಉಳಿದರೆ 25ಕ್ಕೆ ಟೇಕ್ ಡೌನ್, 31ಕ್ಕೆ ಫ್ಲೇಮ್ ವೀಲ್, 37ಕ್ಕೆ ಹೆಲ್ಪಿಂಗ್ ಹ್ಯಾಂಡ್, 43ಕ್ಕೆ ಅಜಿಲಿಟಿ, 49ಕ್ಕೆ ಫ್ಲೇಮ್‌ಥ್ರೋವರ್. ಕಲ್ಲಿನಿಂದ ಬದಲಾಗುವ ಬಹುತೇಕ ಪೋಕೆಮಾನ್‌ಗಳದು ಇದೇ ಕಥೆ.

ಇನ್ನೊಂದು ಎಚ್ಚರಿಕೆ. ಲೆವೆಲ್ ಏರಿ ಬದಲಾಗುವಾಗ ಬಿ ಬಟನ್ ಒತ್ತಿ ನಿಲ್ಲಿಸಬಹುದು. ಕಲ್ಲು ಕೊಟ್ಟ ಮೇಲೆ ಬಿ ಒತ್ತಿದರೂ ನಿಲ್ಲಲ್ಲ. ಹಾಗಾಗಿ ಮೊದಲು ಸೇವ್ ಮಾಡಿ.

ಪೆಟ್ಟಿಗೆ ಅಂಗಡಿ:

49ರವರೆಗೆ ಕಾಯಿರಿ ಕಣ್ರೀ. ತಡವಾಗಿ ಬದಲಾದಷ್ಟೂ ಜಾಸ್ತಿ ಬಲ. ಚಿಕ್ಕವರಿದ್ದಾಗಿನಿಂದ ನಾನು ಎಲ್ಲದಕ್ಕೂ ಬಿ ಒತ್ತಿಯೇ ಬೆಳೆಸಿದ್ದು.

ಹಳೇ ಬ್ಯಾಟರಿ:

ಆ ಮಾತು ನಮ್ಮ ಕಾಲದ ಎಲ್ಲ ಮಕ್ಕಳೂ ನಂಬಿದ್ದರು, ನಾನೂ ಸೇರಿ. ಆದರೆ ನಿಜ ಅಲ್ಲ. ಆಟ ಸ್ಟ್ಯಾಟ್ (ಬಲದ ಅಂಕಿಗಳು) ಲೆಕ್ಕ ಹಾಕುವುದು ಈಗ ಆ ಪೋಕೆಮಾನ್ ಏನಾಗಿದೆ, ಅದರ ಲೆವೆಲ್ ಎಷ್ಟು, ಹುಟ್ಟಿನಿಂದ ಬಂದ ಅಂಕಿ, ಸ್ವಭಾವ, ಗೆದ್ದ ಯುದ್ಧಗಳಿಂದ ಸೇರಿದ್ದು, ಇಷ್ಟರ ಮೇಲೆ. ಯಾವ ಲೆವೆಲ್‌ನಲ್ಲಿ ಬದಲಾಯಿತು ಅನ್ನುವುದು ಎಲ್ಲೂ ದಾಖಲಾಗುವುದಿಲ್ಲ. 24ಕ್ಕೆ ಬದಲಾದದ್ದೂ 49ಕ್ಕೆ ಬದಲಾದದ್ದೂ 50ಕ್ಕೆ ಬಂದಾಗ, ಉಳಿದದ್ದು ಒಂದೇ ಇದ್ದರೆ, ಒಂದೇ ಬಲ.

ಕಾಯುವುದರಿಂದ ನಷ್ಟ ಮಾತ್ರ ಖಂಡಿತ ಇದೆ. ಗ್ರೌಲಿತ್‌ನ ಬೇಸ್ ಅಟ್ಯಾಕ್ (ಆ ಜಾತಿಗೆ ಗೊತ್ತುಮಾಡಿದ ಮೂಲ ದಾಳಿ ಬಲ) 70, ಆರ್ಕನೈನ್‌ದು 110. ಎಲ್ಲ ಬೇಸ್ ಸ್ಟ್ಯಾಟ್ ಕೂಡಿದರೆ 350 ಎಲ್ಲಿ, 555 ಎಲ್ಲಿ! ಲೆವೆಲ್ 24ರ ಸಾಧಾರಣ ಗ್ರೌಲಿತ್ ಅಂದುಕೊಳ್ಳಿ. ಅಟ್ಯಾಕ್ ಸುಮಾರು 42 ಇರುವುದು ಕಲ್ಲು ಕೊಟ್ಟ ತಕ್ಷಣ 61ರ ಆಸುಪಾಸಿಗೆ ಹೋಗುತ್ತದೆ. ಎಚ್‌ಪಿ (ಜೀವಬಲ) 64 ಇದ್ದದ್ದು 80. 49ರವರೆಗೆ ಕಾಯುವುದು ಅಂದರೆ ಇಷ್ಟನ್ನು ಬಿಟ್ಟು ಕೋಗಾ, ಸಬ್ರಿನಾ, ಬ್ಲೇನ್ ಅನ್ನುವ ಮೂವರು ಜಿಮ್ ಲೀಡರ್‌ಗಳನ್ನೂ ನಾಯಿಮರಿ ಇಟ್ಟುಕೊಂಡು ಎದುರಿಸುವುದು. ಬ್ಲೇನ್ ಹತ್ತಿರ ಇರುವ ಆರ್ಕನೈನೇ ಲೆವೆಲ್ 47.

ಪೆಟ್ಟಿಗೆ ಅಂಗಡಿ:

ಇಪ್ಪತ್ತು ವರ್ಷ ಸುಮ್ನೆ ಬಿ ಒತ್ತಿದೆನಾ ಹಾಗಾದ್ರೆ?

ಹಳೇ ಬ್ಯಾಟರಿ:

ಪೂರ್ತಿ ಸುಮ್ನೆ ಅಲ್ಲ. ಮರಿ ರೂಪದಲ್ಲಿ ಕೆಲವು ಮೂವ್ ಸ್ವಲ್ಪ ಬೇಗ ಬರುತ್ತವೆ. ಚಾರ್‌ಮ್ಯಾಂಡರ್ 31ಕ್ಕೆ ಫ್ಲೇಮ್‌ಥ್ರೋವರ್ ಕಲಿತರೆ ಚಾರ್‌ಮೀಲಿಯನ್ 34ಕ್ಕೆ ಕಲಿಯುತ್ತದೆ. ಆದರೆ ಮೂರು ಲೆವೆಲ್ ಉಳಿಸಲು 16ರಿಂದ 31ರವರೆಗೆ ಪ್ರತಿ ಸಲ ಬಿ ಒತ್ತಬೇಕು. ನನ್ನನ್ನು ಕೇಳಿದರೆ ಲಾಭ ಇಲ್ಲದ ವ್ಯಾಪಾರ.

ಗುಡ್ಡದ ಗಾಳಿ:

ಚುರುಮುರಿ ಅವರೇ, ಕೇಳಬೇಕಾದ ಪ್ರಶ್ನೆ ಎರಡೇ. ಮರಿಯ ಪಟ್ಟಿಯಲ್ಲಿ ಮುಂದೆ ನನಗೆ ಬೇಕಾದ್ದು ಏನಿದೆ? ಅದನ್ನು ಬೇರೆ ಕಡೆಯಿಂದ ತರಬಹುದಾ?

ಗ್ರೌಲಿತ್ ವಿಷಯದಲ್ಲಿ ಬೇಕಾದ್ದು ಫ್ಲೇಮ್‌ಥ್ರೋವರ್ ಒಂದೇ. ಅದು ಟಿಎಂ 35 (ಮೂವ್ ಕಲಿಸುವ ಯಂತ್ರ) ಆಗಿ ನೀವು ನಿಂತಿರುವ ಊರಲ್ಲೇ ಇದೆ! ಗೇಮ್ ಕಾರ್ನರ್ ಪಕ್ಕದ ಬಹುಮಾನದ ಮನೆಯಲ್ಲಿ 4000 ಕಾಯಿನ್. ದುಡ್ಡು ಕೊಟ್ಟೇ ಕೊಳ್ಳುವುದಾದರೆ 500 ಕಾಯಿನ್‌ಗೆ 10000, ಅಂದರೆ ಒಟ್ಟು 80000. ಮೂರು ಬ್ಯಾಡ್ಜ್ ಇರುವವರ ಜೇಬಲ್ಲಿ ಅಷ್ಟು ಇರಲ್ಲ, ಗೊತ್ತು. ವರ್ಮಿಲಿಯನ್‌ನಲ್ಲಿ ಸಿಕ್ಕ ವಿಎಸ್ ಸೀಕರ್ ಇದ್ದರೆ ಸೋತ ಟ್ರೇನರ್‌ಗಳನ್ನೇ ಮತ್ತೆ ಕರೆದು ದುಡ್ಡು ಮಾಡಿ. 40 ಜಾತಿ ಹಿಡಿದಿದ್ದರೆ ರೂಟ್ 16ರಲ್ಲಿ ಪ್ರೊಫೆಸರ್ ಓಕ್ ಅವರ ಸಹಾಯಕ ಅಮ್ಯುಲೆಟ್ ಕಾಯಿನ್ ಕೊಡುತ್ತಾನೆ, ಬಹುಮಾನದ ದುಡ್ಡು ಎರಡರಷ್ಟಾಗುತ್ತದೆ. ಸ್ಲಾಟ್ ಮಷಿನ್ ಮುಂದೆ ಕೂತು ಗೆಲ್ಲುತ್ತೇನೆ ಅಂದರೆ ನಿಮ್ಮ ತಾಳ್ಮೆ, ನಿಮ್ಮ ಹೆಬ್ಬೆರಳು. ಒಂದು ನೆನಪಿರಲಿ, ಈ ಆಟದಲ್ಲಿ ಟಿಎಂ ಒಂದೇ ಸಲ ಬಳಕೆ.

ಇನ್ನು ಈ ಊರಿನ ಜಿಮ್ ಲೀಡರ್ ಎರಿಕಾ, ಅವಳದು ಹುಲ್ಲಿನ ಜಿಮ್. ಅವಳ ವೈಲ್‌ಪ್ಲೂಮ್, ವಿಕ್ಟ್ರೀಬೆಲ್ ಎರಡೂ 29. ಎಂಬರ್ ಇರುವ ಗ್ರೌಲಿತ್‌ಗೂ ಅದು ಹಬ್ಬದೂಟವೇ. ಆ ಜಿಮ್, ಆಮೇಲೆ ಕಳ್ಳರ ಗುಂಪಾದ ಟೀಮ್ ರಾಕೆಟ್‌ನ ಅಡಗುತಾಣ, ಎರಡರಲ್ಲೂ ಗ್ರೌಲಿತ್‌ನನ್ನೇ ಮುಂದೆ ಬಿಟ್ಟರೆ 31ಕ್ಕೆ ಜಾಸ್ತಿ ದೂರ ಉಳಿಯಲ್ಲ. ಫ್ಲೇಮ್ ವೀಲ್ ಬಂತು, ಕಲ್ಲು ಕೊಟ್ಟಿರಿ, ಮುಗೀತು. ಎಂಬರ್‌ನ ಶಕ್ತಿ 40, ಫ್ಲೇಮ್ ವೀಲ್‌ದು 60. ದುಡ್ಡಾದಾಗ ಟಿಎಂ 35 ತಗೊಂಡು 95ರ ಫ್ಲೇಮ್‌ಥ್ರೋವರ್ ಹಾಕಿ. ಕಾಯುವುದು ಏಳೇ ಲೆವೆಲ್, ಇಪ್ಪತ್ತೈದು ಅಲ್ಲ.

ಚುರುಮುರಿ:

ಆಹಾ, ಇದು ಸರಿ ಅನ್ನಿಸುತ್ತಿದೆ. ಆದರೆ ಒಂದು ಅನುಮಾನ. 49ರವರೆಗೆ ಕಾದು ಫ್ಲೇಮ್‌ಥ್ರೋವರ್ ಕಲಿಸಿ, ಅಲ್ಲೇ ಕಲ್ಲು ಕೊಟ್ಟರೆ ಎಕ್ಸ್‌ಟ್ರೀಮ್‌ಸ್ಪೀಡ್ ಕೂಡ ಬರುತ್ತದಾ? ಎರಡೂ 49 ಅಲ್ವಾ?

ಗುಡ್ಡದ ಗಾಳಿ:

ಬರಲ್ಲ! ಎಷ್ಟೋ ಜನ ಬೀಳುವ ಹಳ್ಳ ಇದೇ. ಮೂವ್ ಬರುವುದು ಲೆವೆಲ್ ಏರುವ ಆ ಕ್ಷಣದಲ್ಲಿ. 49ಕ್ಕೆ ಏರುವಾಗ ಗ್ರೌಲಿತ್ ಆಗಿದ್ದರೆ ಗ್ರೌಲಿತ್ ಪಟ್ಟಿಯ ಮೂವ್ ಬರುತ್ತದೆ. ಆಮೇಲೆ ಕಲ್ಲು ಕೊಟ್ಟರೆ ಆರ್ಕನೈನ್ ಪಟ್ಟಿಯ 49 ಆಗಲೇ ದಾಟಿಹೋಗಿರುತ್ತದೆ.

ಆದರೆ ದಾರಿ ಇದೆ. ಬ್ಲೇನ್‌ನನ್ನು ಸೋಲಿಸಿದ ಮೇಲೆ ಬಿಲ್ ನಿಮ್ಮನ್ನು ದ್ವೀಪಗಳಿಗೆ ಕರೆದುಕೊಂಡು ಹೋಗುತ್ತಾನೆ. ಟೂ ಐಲ್ಯಾಂಡ್‌ನಲ್ಲಿ ಒಬ್ಬ ಮೂವ್ ಹುಚ್ಚ ಇದ್ದಾನೆ. ಎರಡು ಟೈನಿ ಮಶ್ರೂಮ್ ಅಥವಾ ಒಂದು ಬಿಗ್ ಮಶ್ರೂಮ್ ಕೊಟ್ಟರೆ ಮರೆತದ್ದನ್ನು, ತಪ್ಪಿಹೋದದ್ದನ್ನು ಕಲಿಸುತ್ತಾನೆ. ಮೌಂಟ್ ಮೂನ್‌ನ ಪಾರಾಸ್‌ಗಳನ್ನು ಹಿಡಿದರೆ ಅರ್ಧದಷ್ಟು ಟೈನಿ ಮಶ್ರೂಮ್ ಹೊತ್ತುಕೊಂಡೇ ಬರುತ್ತವೆ.

ಗಮನಿಸಿ, ಅವನು ಕಲಿಸುವುದು ಈಗಿನ ರೂಪದ ಪಟ್ಟಿಯಿಂದ ಮಾತ್ರ. ಆರ್ಕನೈನ್‌ಗೆ ಎಕ್ಸ್‌ಟ್ರೀಮ್‌ಸ್ಪೀಡ್ ವಾಪಸ್ ಕೊಡಿಸಬಹುದು. ಗ್ರೌಲಿತ್ ಪಟ್ಟಿಯ ಫ್ಲೇಮ್‌ಥ್ರೋವರ್ ಕೊಡಿಸಲು ಆಗಲ್ಲ. 31ಕ್ಕೆ ಕಲ್ಲು ಕೊಟ್ಟು ಟಿಎಂ ಹಾಕಿದವರಿಗೆ ಈ ತಲೆನೋವೇ ಇಲ್ಲ, 49ಕ್ಕೆ ಎಕ್ಸ್‌ಟ್ರೀಮ್‌ಸ್ಪೀಡ್ ತಾನಾಗೇ ಬರುತ್ತದೆ.

ನಿದ್ದೆಗಣ್ಣು:

ಮಧ್ಯೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ಇದೇ ಲೆಕ್ಕ ನಿಡೊರಿನೊ, ಪಿಕಾಚು, ಈವಿಗೂ ಆಗುತ್ತದಾ?

ಹಳೇ ಬ್ಯಾಟರಿ:

ಪಿಕಾಚುಗೆ ಆಗುತ್ತದೆ. 26ಕ್ಕೆ ಥಂಡರ್‌ಬೋಲ್ಟ್ ಬರುವವರೆಗೆ ಕಾದು ಆಮೇಲೆ ಥಂಡರ್ ಸ್ಟೋನ್ ಕೊಡಿ. 41ರ ಥಂಡರ್‌ಗಾಗಿ ಕಾಯಬೇಡಿ, ಅದು ಆಗಾಗ ಗುರಿ ತಪ್ಪುತ್ತದೆ.

ನಿಡೊರಿನೊ ಪೂರ್ತಿ ಉಲ್ಟಾ. ಅದರ ಪಟ್ಟಿಯಲ್ಲಿ ಕಾಯುವಂಥದ್ದೇನಿಲ್ಲ. ನಿಡೊಕಿಂಗ್ ಆದರೆ 20 ದಾಟಿದ ಸ್ವಲ್ಪ ಹೊತ್ತಿಗೆ ಥ್ರ್ಯಾಶ್ ಸಿಗುತ್ತದೆ. ಕಾದು ಕೂತರೆ ಅದೇ ತಪ್ಪಿಹೋಗುತ್ತದೆ. 16ಕ್ಕೆ ನಿಡೊರಿನೊ ಆಗುತ್ತಲೇ ಮೂನ್ ಸ್ಟೋನ್ ಕೊಟ್ಟುಬಿಡಿ. ಈವಿಗೂ ಕೂಡಲೇ ಕೊಡಿ. ಅದರ ಮೂರು ರೂಪಕ್ಕೂ ಸ್ವಂತ ಪಟ್ಟಿ ಉದ್ದಕ್ಕೆ ಇದೆ.

ನಿದ್ದೆಗಣ್ಣು:

ಥ್ಯಾಂಕ್ಸ್. ಮತ್ತೆ ನನ್ನ ಗೋಲ್‌ಬ್ಯಾಟ್‌ದು ವಿಚಿತ್ರ. ಲೆವೆಲ್ ಏರಿದಾಗಲೆಲ್ಲ ಬದಲಾಗಲು ಶುರು ಮಾಡುತ್ತದೆ, ತಾನೇ ನಿಂತುಬಿಡುತ್ತದೆ. ನಾನು ಬಿ ಮುಟ್ಟೇ ಇಲ್ಲ, ದೇವರಾಣೆ.

ಗುಡ್ಡದ ಗಾಳಿ:

ಚುಕ್ಕಿ ಚುಕ್ಕಿ ಆಮೇಲೆ ಪ್ರಶ್ನಾರ್ಥಕ ಚಿಹ್ನೆ ಬರುತ್ತದೆ, ಅಲ್ವಾ? ನಿಮ್ಮ ಬಟನ್ ಸರಿ ಇದೆ. ಗೋಲ್‌ಬ್ಯಾಟ್‌ಗೆ ನಿಮ್ಮ ಮೇಲೆ ಪ್ರೀತಿ ಬಂದಿದೆ, ಅದಕ್ಕೇ ಕ್ರೋಬ್ಯಾಟ್ ಆಗಲು ಹೊರಟಿದೆ. ಆದರೆ ಕ್ರೋಬ್ಯಾಟ್ ಈ ಆಟ ನಡೆಯುವ ಕ್ಯಾಂಟೋ ಪ್ರದೇಶದ 151 ಪೋಕೆಮಾನ್‌ಗಳಲ್ಲಿ ಇಲ್ಲ. ನ್ಯಾಷನಲ್ ಡೆಕ್ಸ್ (ಬೇರೆ ಪ್ರದೇಶಗಳವೂ ಸೇರಿದ ಪೋಕೆಮಾನ್ ಪಟ್ಟಿ) ಸಿಗುವವರೆಗೆ ಈ ಆಟ ಅಂಥವನ್ನು ಬಿಡುವುದಿಲ್ಲ. ಕೊನೆಗೆ ಎದುರಾಗುವ ನಾಲ್ವರು ಟ್ರೇನರ್‌ಗಳಾದ ಎಲೀಟ್ ಫೋರ್ ಗೆದ್ದು, 60 ಜಾತಿ ಹಿಡಿದಿದ್ದರೆ ಓಕ್ ಕೊಡುತ್ತಾರೆ. ಅಲ್ಲಿಯವರೆಗೆ ಪ್ರತಿ ಲೆವೆಲ್‌ಗೂ ಆ ಅನಿಮೇಷನ್ ನೋಡಲು ಬೇಜಾರಾದರೆ ಬದಲಾಗದಂತೆ ತಡೆಯುವ ಎವರ್‌ಸ್ಟೋನ್ ಹಿಡಿಸಿ. ರೂಟ್ 10ರ ಸಹಾಯಕ 20 ಜಾತಿಗೆ ಒಂದು ಕೊಡುತ್ತಾನೆ.

ಚುರುಮುರಿ:

ಅಪ್‌ಡೇಟ್. ಎರಿಕಾ ಮುಗಿದಳು. ರಾಕೆಟ್ ಅಡಗುತಾಣದ ಆ ಬಾಣದ ಟೈಲ್‌ಗಳ ಮೇಲೆ ಹತ್ತು ಸಲ ಗಿರಗಿರ ತಿರುಗಿ, ಅಲ್ಲೇ 31 ಆಯಿತು. ಲೀರ್ ತೆಗೆದು ಫ್ಲೇಮ್ ವೀಲ್ ಹಾಕಿದೆ. ಹೊರಗೆ ಬಂದು ಸೇವ್ ಮಾಡಿ ಕಲ್ಲು ಕೊಟ್ಟೆ. ಅಟ್ಯಾಕ್ 53 ಇದ್ದದ್ದು 77 ಆಗಿದೆ! ಸೆರುಲಿಯನ್‌ನಲ್ಲಿ ರಾಕೆಟ್ ಕಳ್ಳನಿಂದ ಸಿಕ್ಕ ಡಿಗ್ ಟಿಎಂ ಇನ್ನೂ ಬ್ಯಾಗಲ್ಲೇ ಇತ್ತು, ಅದನ್ನೂ ಇದಕ್ಕೇ ಹಾಕಿದೆ.

ಟಿಎಂ 35ಕ್ಕೆ ದುಡ್ಡು ಕೂಡಿಸುತ್ತಿದ್ದೇನೆ. ಕೈಯಲ್ಲಿ 23000 ಇದೆ. ಸ್ಲಾಟ್ ಮಷಿನ್‌ನಲ್ಲಿ ಎಷ್ಟು ಹೋಯಿತು ಅಂತ ಮಾತ್ರ ಕೇಳಬೇಡಿ.